ಹಿಂದೆಬಂದಯ್ಯನ ಬೆಟ್ಟಕ್ಕೆ ಆ ಹೆಸರು ಬಂದ ಬಗೆ

ಮಂಜನ್ನೇ ಹೊದ್ದು ಕುಳಿತ ಮಹಾದೇವನಿಗೆ ಮೊದಲ ನಮಸ್ಕಾರ. ಕಣ್ಣಿಗೆ ಕಾಣದಿದ್ದರೂ ಇರುವವನಿಗೆ, ಕರೆಯದಿದ್ದರೂ ಕಾಯುವವನಿಗೆ, ಕರೆದರಂತೂ ಬಂದೇ ಬರುವವನಿಗೆ ತಲೆಬಾಗಿ ಈ ಬೆಟ್ಟದ ಕಥೆಯನ್ನು ಹೇಳತೊಡಗುತ್ತೇನೆ. ತಪ್ಪು ಬಂದರೆ ಅದು ನನ್ನ ನಾಲಗೆಯದು, ಸರಿಯಿದ್ದರೆ ನುಡಿಸಿದವನದು.

ಮೈಸೂರು ಸೀಮೆಯ ತೆಂಕಣ ಅಂಚಿನಲ್ಲಿ, ಬಯಲು ಮುಗಿದು ಘಟ್ಟ ಎದ್ದು ನಿಲ್ಲುವ ಕಡೆ ಹಿಂದೆಬಂದಯ್ಯನ ಬೆಟ್ಟವಿದೆ. ಬೆಳಿಗ್ಗೆ ತಪ್ಪಲಿನ ಹೋಟೆಲಿನ ಮುಂದೆ ಜೀಪುಗಳು ಸಾಲಾಗಿ ನಿಂತಿರುತ್ತವೆ. ತಿಂಡಿ ಮುಗಿಸಿ ಬಂದ ಪ್ರವಾಸಿಗರನ್ನು ಗೈಡುಗಳು ಹತ್ತಿಸಿಕೊಂಡು, ಹೊತ್ತು ಮುಳುಗುವುದರೊಳಗೆ ಇಡೀ ಬೆಟ್ಟ ತೋರಿಸಿ ಇಳಿಸುತ್ತೇವೆಂದು ಭರವಸೆ ಕೊಟ್ಟು ಹೊರಡುತ್ತಾರೆ. ತಿರುವಿಗೊಂದು ನೋಟ, ನೋಟಕ್ಕೊಂದು ಸಿನಿಮಾ. "ಹಾಡಿನಲ್ಲಿ ನಾಯಕಿ ಹಳದಿ ಸೀರೆ ಉಟ್ಟು ಓಡಿ ಬರ್ತಾಳಲ್ಲ ಸಾರ್, ಇದೇ ಇಳಿಜಾರು" ಎಂದು ಒಂದು ಕಡೆ ತೋರಿಸುತ್ತಾರೆ. "ವಿಲನ್ನನ್ನ ತಳ್ಳಿದ್ದು ಈ ಬಂಡೆ ಮೇಲಿಂದ್ಲೇ. ಕೆಳಗೆ ಬಲೆ ಕಟ್ಟಿದ್ರು ಬುಡಿ, ಏನೂ ಆಗ್ಲಿಲ್ಲ" ಎಂದು ಇನ್ನೊಂದು ಕಡೆ ನಗಿಸುತ್ತಾರೆ. ಹುಲ್ಲು ಗುಡ್ಡಗಳು ಒಂದರ ಹಿಂದೊಂದು ಮಲಗಿರುವುದನ್ನೂ ಅವುಗಳ ಸಂದಿಯಲ್ಲಿ ಶೋಲಾ ಕಾಡು ಕಪ್ಪಗೆ ತುಂಬಿರುವುದನ್ನೂ ನೋಡಿದವರಿಗೆ ಇಲ್ಲಿ ಹೆದರಿಕೆಯ ಮಾತು ಹುಟ್ಟೀತೆಂದು ಅನ್ನಿಸುವುದೇ ಇಲ್ಲ. ಆದರೆ ಬೆಟ್ಟದ ಹೆಸರನ್ನು ಕೇಳಿ, ಬಂದವನು ಯಾರು, ಯಾರ ಹಿಂದೆ ಬಂದ ಎಂದು ವಿಚಾರಿಸಿದರೆ ಮಾತ್ರ ಅದುವರೆಗೆ ವಟಗುಟ್ಟುತ್ತಿದ್ದ ಗೈಡು ಮಾತನ್ನು ಮುಂದಕ್ಕೆ ಹಾಕುತ್ತಾನೆ. "ಬೆನ್ನುದಾರಿ ದಾಟಿದ ಮೇಲೆ ಹೇಳ್ತೀನಿ" ಎನ್ನುತ್ತಾನೆ. ಎರಡೂ ಕಡೆ ಕಣಿವೆ ಬಿದ್ದು, ನಡುವೆ ಆನೆಯ ಬೆನ್ನಿನಂತೆ ಚಾಚಿಕೊಂಡಿರುವ ಕಿರಿದಾದ ದಾರಿಗೆ ಬೆನ್ನುದಾರಿ ಎಂದು ಹೆಸರು. ಜೀಪು ಅದರ ಈಚೆಗೇ ನಿಲ್ಲುತ್ತದೆ. ಆಚೆಗೆ ನಡೆದೇ ಹೋಗಬೇಕು.

ಹಿಂದೆ ಒಮ್ಮೆ, ರಸ್ತೆಯೂ ಇಲ್ಲದ ಕಾಲದಲ್ಲಿ, ಬಯಲುನಾಡಿನ ಒಂದು ಬಯಲಾಟದ ಮೇಳ ಈ ಬೆಟ್ಟವನ್ನು ದಾಟಿ ಆಚೆ ಸೀಮೆಯಲ್ಲಿ ಆಟ ಕಟ್ಟಲು ಹೊರಟಿತ್ತಂತೆ. ಮೇಳದ ಯಜಮಾನ ಶಿವನಂಜಪ್ಪನೆಂಬ ಭಾಗವತ. ಕೋಡಂಗಿಯ ವೇಷ ಹಾಕಿ ಜನರನ್ನು ನಗಿಸುವವನು ಗುರುಮಲ್ಲ. ಅವನ ಹೆಂಡತಿ ಚಿನ್ನಾಜಮ್ಮ ಮೇಳಕ್ಕೆ ಅಡುಗೆ ಮಾಡಿಕೊಂಡು ಜೊತೆಯಲ್ಲೇ ತಿರುಗುತ್ತಿದ್ದಳು. ಮದುವೆಯಾಗಿ ಬಹಳ ಕಾಲ ಮಕ್ಕಳಿಲ್ಲದೆ, ಕಂಡ ದೇವರಿಗೆಲ್ಲ ಹರಕೆ ಹೊತ್ತ ಮೇಲೆ ಅವರಿಗೆ ದುಂಡಮ್ಮ ಹುಟ್ಟಿದ್ದಳು. ಇನ್ನೂ ನಡೆಯಲು ಬಾರದ ಕೂಸು. ಆ ಕೂಸನ್ನು ಸುಖವಾಗಿ ಬೆಟ್ಟದಾಚೆ ಮುಟ್ಟಿಸಿದರೆ ಸಾಕೆಂಬುದಷ್ಟೇ ಗುರುಮಲ್ಲನ ಆಸೆ. ಇವರೆಲ್ಲರಿಗೆ ದಾರಿ ತೋರಿಸಲು ಬಂದವಳು ಬೆಟ್ಟದ ಕೇತಜ್ಜಿ. ಹೊತ್ತು ಹುಟ್ಟುವಾಗ ಹತ್ತಿಸಿ, ಹೊತ್ತು ಮುಳುಗುವಾಗ ಆಚೆ ಇಳಿಸುವುದು ಅವಳ ಮನೆತನದ ಕಾಯಕ.

ಬೆನ್ನುದಾರಿಯ ಬಾಯಿಗೆ ಬಂದಾಗ ಬಿಸಿಲು ಚೆನ್ನಾಗಿಯೇ ಇತ್ತು. ಆದರೂ ಕೇತಜ್ಜಿ ಎಲ್ಲರನ್ನೂ ನಿಲ್ಲಿಸಿ, ವೇಷದ ಪೆಟ್ಟಿಗೆ ಬಿಚ್ಚಿಸಿ, ಪಂಚೆ, ಶಲ್ಯ, ಸೀರೆಗಳನ್ನು ತೆಗೆಸಿದಳು. ಮುಂದಿನವರ ಸೊಂಟದ ವಸ್ತ್ರದ ತುದಿಯನ್ನು ಹಿಂದಿನವರ ಸೊಂಟಕ್ಕೆ ಗಂಟು ಹಾಕುತ್ತ ಇಡೀ ಮೇಳವನ್ನು ಒಂದೇ ಸಾಲಾಗಿ ಕಟ್ಟಿದಳು. ಮಂಜು ಇಲ್ಲಿ ಹೇಳಿ ಕೇಳಿ ಬರುವುದಿಲ್ಲ, ಬಂದರೆ ಪಕ್ಕದವರ ಮುಖ ಕಾಣುವುದಿಲ್ಲ ಎಂದಳು. ಕೂಗಬಾರದು, ಕೂಗಿದರೆ ದನಿ ಎದುರು ಬಂಡೆಗೆ ಬಡಿದು ತಪ್ಪು ದಿಕ್ಕಿನಿಂದ ಕೇಳುತ್ತದೆ, ಅದನ್ನು ನಂಬಿ ಕಾಲಿಟ್ಟವರು ಕಣಿವೆಗೆ ಹೋಗಿದ್ದಾರೆ ಎಂದಳು. ಏನಿದ್ದರೂ ಕಿವಿಯಿಂದ ಕಿವಿಗೆ ಮಾತು ದಾಟಬೇಕು. ಕೂಸು ಸಾಲಿನ ಕೊನೆಯಲ್ಲಿ ಇರಬಾರದೆಂದು ಗುರುಮಲ್ಲ ತಾನೇ ಹೆಂಡತಿಯ ಹಿಂದೆ, ಕಟ್ಟಕಡೆಯಲ್ಲಿ ನಿಂತ.

ಕಡೆಯವನಿಗೆ ವಸ್ತ್ರದ ಅಗತ್ಯವಿರಲಿಲ್ಲ. ಆದರೆ ಅವನು ಕೋಡಂಗಿ. ರಾಜನ ವೇಷದ ಕೆಂಪು ಶಲ್ಯವೊಂದು ಪೆಟ್ಟಿಗೆಯಲ್ಲಿ ಉಳಿದಿತ್ತು. ಅದನ್ನು ಸೊಂಟಕ್ಕೆ ಬಿಗಿದು ಹಿಂದೆ ಇಳಿಬಿಟ್ಟು, "ಎಲ್ಲರಿಗೂ ಬಾಲ ಅದೆ, ನನಗೊಬ್ಬನಿಗೆ ಯಾಕಿಲ್ಲ?" ಎಂದ. ಮೇಳದವರು ನಕ್ಕರು. ನಕ್ಕಾಗ ಸುಮ್ಮನಿರುವುದು ಅವನ ಜಾಯಮಾನವಲ್ಲ. ಹಿಂದಿನ ಹುಲ್ಲಿನ ಇಳಿಜಾರು ಆಟ ನೋಡುವವರು ಕೂರಲೆಂದೇ ಮಾಡಿದಂತೆ ಬಾಗಿ ನಿಂತಿತ್ತು. ಅದಕ್ಕೆ ಎದುರಾಗಿ ತಿರುಗಿ, ರಂಗಕ್ಕೆ ಬಂದಾಗ ಮಾಡುವಂತೆಯೇ ಕೈಮುಗಿದು, ರಾಗ ಎಳೆದು ಕರೆದ: "ಕುಂತವರು, ನಿಂತವರು, ತಡವಾಗಿ ಬಂದವರು ಇನ್ನೂ ಯಾರಾದ್ರೂ ಇದ್ದೀರಾ? ಬನ್ನಿ, ನನ್ನ ಬಾಲ ಹಿಡ್ಕೊಳ್ಳಿ, ಆಟ ತೋರಿಸ್ತೀನಿ." ಎದುರಿನ ಬಂಡೆ ಆ ಕರೆಯನ್ನು ಎರಡೆರಡು ಬಾರಿ ಹೇಳಿತು. ಮೇಳ ಮತ್ತೆ ನಕ್ಕಿತು. ಕೇತಜ್ಜಿಯ ಮುಖ ಮಾತ್ರ ಬಿಳಿಚಿಕೊಂಡಿತು. "ಕರೆದುಬುಟ್ಯಲ್ಲ ಮಗಾ" ಎಂದಷ್ಟೇ ಹೇಳಿ ಮುಂದೆ ನಡೆದಳು.

ಅರ್ಧ ದಾರಿಯಲ್ಲಿ ಮಂಜು ಎದ್ದಿತು. ಎರಡೂ ಕಣಿವೆಗಳಿಂದ ಏರಿ ಬಂದು ಮೊದಲು ಕಾಲನ್ನು ನುಂಗಿತು, ಆಮೇಲೆ ಸೊಂಟವನ್ನು, ಆಮೇಲೆ ಮುಂದಿನವರನ್ನು. ಗುರುಮಲ್ಲನಿಗೆ ಕಾಣುತ್ತಿದ್ದುದು ಹೆಂಡತಿಯ ಹೆಗಲು, ಆ ಹೆಗಲ ಮೇಲಿಂದ ಹಿಂದಕ್ಕೆ ನೋಡುತ್ತಿದ್ದ ಕೂಸಿನ ಮುಖ, ಇಷ್ಟೇ. ಆಗ ಅವನ ಸೊಂಟದ ಶಲ್ಯ ಹಿಂದಕ್ಕೆ ಮೆಲ್ಲಗೆ ಜಗ್ಗಿತು. ಗಿಡಕ್ಕೆ ಸಿಕ್ಕಿರಬೇಕೆಂದು ಬಿಡಿಸಿಕೊಳ್ಳುವಂತೆ ಒಂದು ಹೆಜ್ಜೆ ಹಾಕಿದ. ಸಿಕ್ಕಿಕೊಂಡ ಬಟ್ಟೆಯಾದರೆ ಬಿಗಿಯಬೇಕು, ಇಲ್ಲವೇ ಹರಿಯಬೇಕು. ಇದು ಅವನೊಡನೆಯೇ ಬಂತು. ಅವನು ನಿಂತರೆ ನಿಲ್ಲುತ್ತಿತ್ತು, ನಡೆದರೆ ಒಂದು ಗಳಿಗೆ ತಡೆದು, ದಾರಿ ಗೊತ್ತಿಲ್ಲದವರು ಹಿಡಿದುಕೊಂಡು ಬರುವ ಹಾಗೆ ಹಿಂದೆಯೇ ಬರುತ್ತಿತ್ತು. ಹೆಜ್ಜೆಯ ಸದ್ದು ಇರಲಿಲ್ಲ. ಒದ್ದೆ ಕಂಬಳಿಯಂಥ ಒಂದು ವಾಸನೆ ಮಾತ್ರ ಬರುತ್ತಿತ್ತು ಎನ್ನುತ್ತಾರೆ.

"ಚಿನ್ನಾ, ನನ್ನ ಹಿಂದೆ ಯಾರೋ ಅವ್ರೆ" ಎಂದ ಗುರುಮಲ್ಲ, ಹೆಂಡತಿಯ ಕಿವಿಗೆ ಬಾಯಿಟ್ಟು.

"ನಿನ್ನ ಆಟ ಊರಲ್ಲಿಟ್ಕೋ. ಮಗು ಅದೆ ಕಂಕುಳಲ್ಲಿ, ಸುಮ್ನೆ ನಡಿ."

"ಶಿವನಾಣೆಗೂ ಆಟ ಅಲ್ಲ ಕನೇ."

"ಹೋದ ವರ್ಷ ಹಾವು ಕಚ್ಚಿತು ಅಂತ ಬಿದ್ದು ಹೊರಳಾಡ್ದಾಗ್ಲೂ ಶಿವನಾಣೆ ಅಂದಿದ್ದೆ."

ಆದರೂ ಅವನ ದನಿಯಲ್ಲಿ ಏನೋ ಬೇರೆಯದನ್ನು ಕೇಳಿದಳೋ ಏನೋ, ಮಾತನ್ನು ಮುಂದಕ್ಕೆ ದಾಟಿಸಿದಳು. ಅದು ಕಿವಿಯಿಂದ ಕಿವಿಗೆ ಹೋಗಿ, ದಾರಿಯಲ್ಲಿ ಭಾಗವತನಿಂದ "ಈ ಕೋಡಂಗಿಗೆ ಹೊತ್ತು ಗೊತ್ತು ಒಂದೂ ಇಲ್ಲ" ಎಂಬ ಬೈಗುಳವನ್ನೂ ಹೊತ್ತು ಕೇತಜ್ಜಿಯನ್ನು ಮುಟ್ಟಿತು. ಮುದುಕಿ ನಗಲಿಲ್ಲ. ಅವಳ ಉತ್ತರ ಅದೇ ದಾರಿಯಲ್ಲಿ ಹಿಂದಕ್ಕೆ ಬಂತು: "ಹಿಡಿದವರು ಯಾರಾದ್ರೂ ಆಗ್ಲಿ, ಬುಡಿಸ್ಬೇಡ. ಬಟ್ಟೆ ಹಿಡಿದವರನ್ನ ನಡುದಾರೀಲಿ ಬುಟ್ಟು ಹೋಗೋದು ನಮ್ಮ ಬೆಟ್ಟದಲ್ಲಿಲ್ಲ. ಹೆಸರು ಕೇಳ್ಬೇಡ, ತಿರುಗಿ ನೋಡ್ಬೇಡ, ನಡೀತಾ ಇರು." ಚಿನ್ನಾಜಮ್ಮ ಇದನ್ನು ಗಂಡನಿಗೆ ಹೇಳುವಾಗ ಅವಳ ದನಿಯ ಗದರಿಕೆ ಹೋಗಿತ್ತು.

ಅಲ್ಲಿಂದ ಮುಂದಿನ ದಾರಿಯನ್ನು ಗುರುಮಲ್ಲ ಹೇಗೆ ನಡೆದನೋ ಅವನಿಗೇ ಗೊತ್ತಿಲ್ಲವಂತೆ. ದುಂಡಮ್ಮ ಹೊಸಬರನ್ನು ಕಂಡರೆ ಕಿರುಚುವ ಕೂಸು. ಅಪ್ಪನ ಮುಖವನ್ನೇ ನೋಡುತ್ತಿದ್ದ ಅವಳ ಕಣ್ಣು ಮೆಲ್ಲಗೆ ಅಪ್ಪನ ಹೆಗಲಿಗೆ ಸರಿಯಿತು. ಅಲ್ಲಿಂದ ಮೇಲಕ್ಕೆ, ಆಳೆತ್ತರಕ್ಕಿಂತಲೂ ಮೇಲಕ್ಕೆ ಹೋಗಿ ನಿಂತಿತು. ಅವಳು ಅಳಲಿಲ್ಲ. ಬಣ್ಣ ಹಚ್ಚಿಕೊಂಡ ಅಪ್ಪನನ್ನು ಕಂಡರೆ ಹೇಗೆ ನಗುತ್ತಿದ್ದಳೋ ಹಾಗೆ ಬಾಯ್ತುಂಬ ನಕ್ಕು, ಏನನ್ನೋ ಇಸಿದುಕೊಳ್ಳುವವಳಂತೆ ಅವನ ತಲೆಯ ಮೇಲಕ್ಕೆ ಕೈ ಚಾಚಿದಳು. ಗುರುಮಲ್ಲನಿಗೆ ಒಂದೇ ಯೋಚನೆ ಬಂತು. ತನ್ನನ್ನು ಏನು ಬೇಕಾದರೂ ಮಾಡಲಿ, ಈ ಕೂಸಿಗಾಗಿಯೇ ಬಂದಿದ್ದರೆ? ಸೊಂಟದ ಮಡಿಕೆಯಲ್ಲಿ ಸಿಕ್ಕಿಸಿದ್ದ ಬಾಕುವನ್ನು ಎಳೆದು, ಬೆನ್ನ ಹಿಂದೆ ಕೈ ಹಾಕಿ, ಶಲ್ಯದ ಮೇಲೆ ಅಲಗನ್ನು ಇಟ್ಟ. ಒಂದು ಸಲ ಎಳೆದರೆ ಮುಗಿಯಿತು.

ಆಗ ಶಲ್ಯ ಸಡಿಲವಾಯಿತು. ಹಿಂದಿದ್ದವರಿಗೆ ಅದು ತಿಳಿದು, ಕತ್ತರಿಸುವುದಾದರೆ ಕತ್ತರಿಸೆಂದು ತಾವೇ ಹತ್ತಿರ ಬಂದು ನಿಂತಂತಿತ್ತು. ಒದ್ದೆ ವಾಸನೆ ಕತ್ತಿನ ಹಿಂದೆಯೇ ಬಂತು. ಗುರುಮಲ್ಲ ಅಲಗನ್ನು ಎಳೆಯಲಿಲ್ಲ. ಜನ ಕೂರಿಸಿ ಆಟ ಆಡುತ್ತ ಬಂದವನು ಅವನು. ನಡುವೆ ಬಂದವರನ್ನೂ ಕುಡಿದು ಬಂದವರನ್ನೂ ಎಬ್ಬಿಸಿ ಕಳಿಸಿದವನಲ್ಲ. ಇಂದು ಬಾಯ್ತುಂಬ ಕರೆದು, ಬಂದವರ ಕೈಯನ್ನು ಕತ್ತರಿಸುವುದೇ? ತಿರುಗದೆಯೇ ಮೆಲುದನಿಯಲ್ಲಿ ಹೇಳಿದ: "ನೀನ್ಯಾರೋ ನಾ ಕಾಣೆ ಸ್ವಾಮಿ. ಕರೆದೋನು ನಾನು. ನನ್ನ ಮಗೀನ ಮುಟ್ಬೇಡ. ಆಚೆಗಂಟ ಕರಕೊಂಡು ಹೋಯ್ತೀನಿ, ಬಾ." ಮನಸ್ಸು ಮತ್ತೆ ಕೆಟ್ಟೀತೆಂದು ಬಾಕುವನ್ನು ಪಕ್ಕಕ್ಕೆ ಎಸೆದುಬಿಟ್ಟ.

ಎಸೆದ ಬಾಕು ಬಿದ್ದ ಸದ್ದೇ ಕೇಳಲಿಲ್ಲ.

ಕೈಯಳತೆಯಲ್ಲಿ ಕಲ್ಲೋ ಹುಲ್ಲೋ ಇರಬೇಕಾದ ಕಡೆ ಏನೂ ಇರಲಿಲ್ಲ. ದಾರಿ ತಪ್ಪಿದ್ದೇವೆ, ಕಣಿವೆಯ ಅಂಚಿನಲ್ಲೇ ನಡೆಯುತ್ತಿದ್ದೇವೆ ಎಂದು ಅವನಿಗೆ ಆಗ ಹೊಳೆಯಿತು. "ನಿಲ್ಲಕ್ಕೆ ಹೇಳು" ಎಂದು ಹೆಂಡತಿಯ ಕಿವಿಗೆ ಅಂದನಷ್ಟೆ, ಮಾತು ಮುಂದೆ ದಾಟುವುದರೊಳಗೆ ಕೇತಜ್ಜಿಯ ಕಾಲ ಕೆಳಗಿನ ನೆಲ ಕುಸಿಯಿತು. ಮುದುಕಿಯ ಭಾರಕ್ಕೆ ಭಾಗವತ, ಭಾಗವತನ ಭಾರಕ್ಕೆ ಹಿಂದಿನವನು, ಹೀಗೆ ಇಡೀ ಮೇಳ ಜಾರತೊಡಗಿತು. ಚಿನ್ನಾಜಮ್ಮ ಕೂಸನ್ನು ಅವುಚಿಕೊಂಡೇ ಮಂಡಿಯೂರಿ ಬಿದ್ದಳು. ಗುರುಮಲ್ಲ ಮುಗ್ಗರಿಸಿ, ಒದ್ದೆ ಹುಲ್ಲಿನ ಮೇಲೆ ಜಾರಿಕೊಂಡು ಹೋದ. ಇನ್ನೇನು ಮುಗಿಯಿತು ಎನ್ನುವಾಗ ಬೆನ್ನ ಹಿಂದಿನ ಶಲ್ಯ ಬಿಗಿಯಿತು. ಜಗ್ಗಲಿಲ್ಲ, ಎಳೆಯಲಿಲ್ಲ, ನೆಲದಲ್ಲಿ ಬೇರು ಬಿಟ್ಟಂತೆ ಗಟ್ಟಿಯಾಗಿ ನಿಂತಿತು. ಸಾಲಿಗೆ ಸಾಲೇ ನಿಂತಿತು.

ಕೇತಜ್ಜಿ ಬಟ್ಟೆ ಹಿಡಿದು ಮೇಲೆ ತೆವಳಿ ಬಂದಳು. ಎಲ್ಲರೂ ಒಬ್ಬರನ್ನೊಬ್ಬರು ಹಿಡಿದುಕೊಂಡು ಕೂತರು. ಮಂಜು ಬಂದಂತೆಯೇ ಹೇಳದೆ ಕೇಳದೆ ಹರಿದುಹೋದಾಗ ಅವರ ಕಾಲಿನ ಮುಂದೆ ಕಣಿವೆ ಬಾಯ್ತೆರೆದಿತ್ತು, ದಾರಿ ದೂರದಲ್ಲಿ ಎಡಕ್ಕೆ ಉಳಿದಿತ್ತು. "ಈಗ ತಿರುಗಿ ನೋಡಬೌದಾ ಅಜ್ಜಿ?" ಎಂದು ಗುರುಮಲ್ಲ ಕೇಳಿದ. ಅವಳು ಅವನ ಹಿಂದಕ್ಕೆ ನೋಡುತ್ತ, ಆಗಲೇ ಕೈಮುಗಿದಿದ್ದಳು.

ಆಳೆತ್ತರಕ್ಕಿಂತ ದೊಡ್ಡದಾದ ಒಂದು ಕಲ್ಲು ಅಲ್ಲಿ ನಿಂತಿತ್ತು. ಸೊಂಟದ ಮಟ್ಟದಲ್ಲಿ ಅದಕ್ಕೊಂದು ಬಿರುಕು, ಮುಷ್ಟಿಯಂತೆ ಮುಚ್ಚಿಕೊಂಡ ಆ ಬಿರುಕಿನೊಳಗೆ ಕೆಂಪು ಶಲ್ಯದ ತುದಿ. ಹುಟ್ಟಿದಾಗಿನಿಂದ ಈ ಬೆಟ್ಟ ತಿರುಗಿದ್ದೇನೆ, ಈ ಜಾಗದಲ್ಲಿ ಕಲ್ಲು ಕಂಡಿಲ್ಲ ಎಂದಳು ಕೇತಜ್ಜಿ. ಬಟ್ಟೆ ಕಲ್ಲಿಗೆ ಸಿಕ್ಕಿಕೊಂಡಿತ್ತು, ಅಷ್ಟೇ ಎನ್ನುವವರು ಇಂದೂ ಇದ್ದಾರೆ. ಅವರೊಡನೆ ವಾದ ಬೇಡ. ಆದರೆ ಬಟ್ಟೆ ಸಿಕ್ಕಿಕೊಂಡ ಕಲ್ಲು ಅರ್ಧ ದಾರಿ ಬೆನ್ನ ಹಿಂದೆ ನಡೆದು ಬರುವುದಿಲ್ಲ. ಮಂಜಿನಲ್ಲಿ ಹಿಂದೆಂದೋ ದಾರಿ ತಪ್ಪಿ, ಯಾರಾದರೂ ಕರೆಯಲೆಂದು ಕಾದಿದ್ದ ಒಂದು ಜೀವ ಅದು ಎಂದು ಬೆಟ್ಟದವರು ಹೇಳುತ್ತಾರೆ. ಸಾಕ್ಷಾತ್ ಮಹಾದೇವನೇ ಎಂದು ಬಯಲಿನವರು ಹೇಳುತ್ತಾರೆ. ದಾರಿ ತಪ್ಪಿದ ಜೀವದೊಳಗೂ ಇರುವವನು ಅವನೇ ಆದ್ದರಿಂದ ಎರಡನ್ನೂ ನಂಬಿದರೆ ನಷ್ಟವಿಲ್ಲ.

ಹೊತ್ತು ಇಳಿಯುತ್ತಿತ್ತು. ಭಾಗವತ ಹೊರಡಲು ಅವಸರಪಡಿಸಿದ. ಗುರುಮಲ್ಲ ಸೊಂಟದ ಗಂಟು ಬಿಚ್ಚಿ ಶಲ್ಯವನ್ನು ಕಲ್ಲಿಗೇ ಬಿಟ್ಟ. ಆದರೆ ಅಲ್ಲಿಂದ ಕದಲಲಿಲ್ಲ. "ಆಟ ತೋರಿಸ್ತೀನಿ ಅಂತ ಕರೆದಿದ್ದೀನಲ್ಲ ಯಜಮಾನ್ರೆ" ಎಂದು ಪೆಟ್ಟಿಗೆ ತೆರೆದ. ಬಣ್ಣ ಹಚ್ಚಿಕೊಳ್ಳುವಾಗ ಗೆರೆಯೆಲ್ಲ ಸೊಟ್ಟಗಾಯಿತು. ಹಾಗೆಯೇ ಆ ಕಲ್ಲಿನ ಮುಂದೆ ಕೋಡಂಗಿ ಕುಣಿದ, ಬಿದ್ದ, ಎದ್ದ, ಹೆಂಡತಿಯಿಂದ ಬೈಸಿಕೊಂಡ ಗಂಡನ ಪಾಡನ್ನು ಹಾಡಿದ. ಭಾಗವತ ತಾನಾಗಿಯೇ ತಾಳ ಹಿಡಿದ. ಯಾರೂ ನಗಲಿಲ್ಲ. ದುಂಡಮ್ಮ ಒಬ್ಬಳೇ ಒಮ್ಮೆ ಅಪ್ಪನನ್ನು, ಒಮ್ಮೆ ಕಲ್ಲಿನ ನೆತ್ತಿಯ ಮೇಲಿನ ಬರಿಗಾಳಿಯನ್ನು ನೋಡುತ್ತ ಕಡೆಯವರೆಗೂ ಕೇಕೆ ಹಾಕಿ ನಗುತ್ತಿದ್ದಳು. ಹೊತ್ತು ಮುಳುಗುವಾಗ ಎಲ್ಲರೂ ಆಚೆ ಇಳಿದರು. ಅಂದಿನಿಂದ ಆ ಕಲ್ಲು ಹಿಂದೆಬಂದಯ್ಯನಾಯಿತು, ಬೆಟ್ಟಕ್ಕೂ ಅದೇ ಹೆಸರು ನಿಂತಿತು.

ಇಂದು ಹೋದವರೂ ಕಲ್ಲನ್ನು ಕಾಣಬಹುದು. ಗುಡಿಯಿಲ್ಲ, ಗಂಟೆಯಿಲ್ಲ, ಪೂಜಾರಿಯಿಲ್ಲ. ಸುತ್ತ ಹುಲ್ಲು ಮಾತ್ರ ಜನ ಕೂತೆದ್ದ ಹಾಗೆ ಮಲಗಿರುತ್ತದೆ. ಚಿತ್ರೀಕರಣಕ್ಕೆ ಬರುವ ತಂಡಗಳು, ಎಷ್ಟೇ ದೊಡ್ಡ ನಾಯಕರಿರಲಿ, ಮೊದಲು ತಮ್ಮ ಹಾಸ್ಯನಟನನ್ನು ಕಲ್ಲಿನ ಮುಂದೆ ನಿಲ್ಲಿಸುತ್ತಾರೆ. ಕ್ಯಾಮೆರಾ ಮುಚ್ಚಿರುತ್ತದೆ, ದೀಪ ಹಚ್ಚಿರುವುದಿಲ್ಲ. ಅವನೊಬ್ಬನೇ ಏನಾದರೊಂದು ಆಡಿ ತೋರಿಸಿ, ಕೈಮುಗಿದು, ಬೆನ್ನು ತಿರುಗಿಸದೆ ಹಿಂದಕ್ಕೆ ನಡೆದು ಬರುತ್ತಾನೆ. ಸುತ್ತ ನಿಂತ ಪ್ರವಾಸಿಗರು ಆ ಹೊತ್ತಿನಲ್ಲಿ ಫೋನು ಕೆಳಗಿಳಿಸುತ್ತಾರೆ, ಹಾಗೆ ಮಾಡಿರೆಂದು ಯಾರೂ ಹೇಳಿರುವುದಿಲ್ಲ.

ಈ ಕಥೆಯನ್ನು ಕೇಳಿದವರ ಮನೆಯ ಕೂಸುಗಳು ನಗುತ್ತಿರಲಿ. ದಾರಿಗಾಣದವರಿಗೆ ದಾರಿ ಕಾಣಲಿ, ಬಿದ್ದವರಿಗೆ ಹಿಡಿತ ಸಿಗಲಿ. ಮುಂದೆ ಏನೂ ತೋರದ ಹೊತ್ತಿನಲ್ಲಿ ನಿಮ್ಮೆಲ್ಲರ ಬೆನ್ನ ಹಿಂದೆ ಆ ಸ್ವಾಮಿ ಇರಲಿ.