ಬೊಪ್ಪರಸ ಬರೆದ ಮನುಷ್ಯಶಾಸ್ತ್ರ

ಹೊಳೆಗುತ್ತಿಯ ಬೊಪ್ಪರಸನಿಗೆ ಯುದ್ಧದ ಹುಚ್ಚಿರಲಿಲ್ಲ, ಬೇಟೆಯ ಹುಚ್ಚೂ ಇರಲಿಲ್ಲ. ಅವನಿಗಿದ್ದದ್ದು ಶಾಸ್ತ್ರದ ಹುಚ್ಚು. ಬೇರೆಯವರು ಬರೆದದ್ದನ್ನು ನಂಬುವವನಲ್ಲ. ಏನನ್ನೇ ಆದರೂ ಕಣ್ಣಾರೆ ಕಂಡೇ ಬರೆಯಬೇಕು ಎನ್ನುವವನು. ವರ್ಷಗಟ್ಟಲೆ ಆನೆಯ ಮೇಲೆ ಕೂತು ರಾಜ್ಯವೆಲ್ಲ ಸುತ್ತಿ, ಪ್ರಜೆಗಳನ್ನು ನೋಡಿ ನೋಡಿ, ಕೊನೆಗೆ ಮನುಷ್ಯಶಾಸ್ತ್ರವೆಂಬ ದೊಡ್ಡ ಗ್ರಂಥ ಬರೆದು ಮುಗಿಸಿದ.

ಅದನ್ನು ತುಂಬಿದ ಸಭೆಯಲ್ಲಿ ತಾನೇ ಓದಿದ. ಮನುಷ್ಯನ ಬೆನ್ನು ಹುಟ್ಟಿನಿಂದಲೇ ಬಾಗಿರುತ್ತದೆ. ಬರುವಾಗ ಮುಂದಕ್ಕೆ ನಡೆಯುತ್ತಾನೆ, ಹೋಗುವಾಗ ಹಿಂದಕ್ಕೆ ನಡೆಯುತ್ತಾನೆ. ಅವನಿಗೆ ಬರುವ ಮಾತು ಒಂದೇ, ಅದು 'ಅಪ್ಪಣೆ'. ಊರಿನ ಬೀದಿಗಳು ಬೇಸಿಗೆಯಲ್ಲೂ ತಾವಾಗಿಯೇ ಒದ್ದೆಯಾಗಿರುತ್ತವೆ, ಅವುಗಳ ಮೇಲೆ ರಂಗೋಲಿ ಮೂಡುತ್ತದೆ. ಅರಸರದು ಮಾತ್ರ ನೆಟ್ಟ ಬೆನ್ನಿನ ಬೇರೆ ಜಾತಿ.

ಸಭೆ ಬಾಗಿಕೊಂಡೇ ತಲೆದೂಗಿತು. ಅಲ್ಲಿಗೇ ಮುಗಿದಿದ್ದರೆ ಯಾರಿಗೂ ತೊಂದರೆ ಇರಲಿಲ್ಲ. ಆದರೆ ಅರಸ ಶಾಸ್ತ್ರವನ್ನು ಆಚರಣೆಗೆ ತಂದ. ನೆಟ್ಟಗೆ ನಿಲ್ಲಲಾರದವರಿಗೆ ಅಷ್ಟೆತ್ತರದ ಬಾಗಿಲೇಕೆ, ಮರ ದಂಡ ಎಂದು, ಊರಿನ ಬಾಗಿಲುಗಳನ್ನೆಲ್ಲ ಎದೆಯ ಮಟ್ಟಕ್ಕೆ ಇಳಿಸಲು ಹುಕುಂ ಮಾಡಿದ.

ಬಡಗಿಗಳು ಇಳಿಸಿದರು. ಊರವರ ಹಣೆಯ ಮೇಲೆಲ್ಲ ಬುಗುಟು ಎದ್ದವು. ಒಬ್ಬ ಮದುಮಗನ ಬಾಸಿಂಗ ಚೌಕಟ್ಟಿಗೆ ಬಡಿದು ಮುರಿದು, ಮುಹೂರ್ತವೇ ತಪ್ಪಿತು. ಜನ ದೂರು ಹೇಳಲು ಗುಂಪಾಗಿ ಅರಮನೆಗೆ ಹೋದರು. ಆದರೆ ಅರಸನನ್ನು ಕಂಡೊಡನೆ ಎಲ್ಲರೂ ಬಾಗಿದ್ದರಿಂದ ಅವನಿಗೆ ಕಂಡದ್ದು ಬೆನ್ನುಗಳೇ ಹೊರತು ಬುಗುಟುಗಳಲ್ಲ; ಬಾಯಿ ಕಟ್ಟಿಹೋದ ಅವರಿಂದ ಕೇಳಿದ್ದೂ 'ಅಪ್ಪಣೆ' ಒಂದೇ. ಇಷ್ಟು ಜನ ಒಟ್ಟಿಗೇ ಬಂದು ತನ್ನ ಶಾಸ್ತ್ರಕ್ಕೆ ಸಾಕ್ಷಿಯಾದರಲ್ಲ ಎಂದು ಅವನು ಸಂತೋಷಪಟ್ಟು ಎಲ್ಲರಿಗೂ ವೀಳ್ಯ ಕೊಡಿಸಿದ.

ಆಸ್ಥಾನದಲ್ಲಿ ಕೇತಯ್ಯನೆಂಬ ಮಾತುಗಾರನಿದ್ದ. ಅರಸನ ಬೇಸರ ಕಳೆಯುವುದೇ ಅವನ ಕೆಲಸ. ತುಂಬಿದ ಬಸುರಿಯಾಗಿದ್ದ ಅವನ ಹೆಂಡತಿ ಸಾಂತವ್ವೆ, ಒಂದು ಸಂಜೆ ಹೊಸ ಬಾಗಿಲಲ್ಲಿ ಬಗ್ಗಲೂ ಆಗದೆ, ಒಳಗೆ ಹೋಗಲೂ ಆಗದೆ ಅಂಗಳದಲ್ಲಿ ಕೂತು ಅತ್ತಳು. ಅವಳನ್ನು ಒಳಗೆ ಸೇರಿಸಲು ಅಕ್ಕಪಕ್ಕದವರು ಬಂದು ಗೋಡೆ ಒಡೆಯಬೇಕಾಯಿತು. ಕೇತಯ್ಯನ ತಮಾಷೆಯೆಲ್ಲ ಅಂದೇ ಇಂಗಿಹೋಯಿತು.

ಮರುದಿನ ಅವನು ಅರಸನ ಮುಂದೆ ಬಾಗಿ ನಿಂತು, ಪ್ರಭುಗಳು ಎದುರಿಗೆ ಇಲ್ಲದಾಗ ಜನ ನೆಟ್ಟಗೇ ಇರುತ್ತಾರೆ ಎಂದು ಬಿನ್ನವಿಸಿಕೊಂಡ. ಅರಸ ಕೆರಳಿದ.

"ಹಾಗಾದರೆ ನೆಟ್ಟಗೆ ನಿಂತ ಒಬ್ಬನೇ ಒಬ್ಬ ಪ್ರಜೆಯನ್ನು ಕರೆತಂದು ನನಗೆ ತೋರಿಸು. ಹುಣ್ಣಿಮೆಯೊಳಗೆ ತೋರಿಸದಿದ್ದರೆ ನೀನು ರಾಜ್ಯ ಬಿಟ್ಟು ಹೊರಡು," ಎಂದ.

ಕೇತಯ್ಯ ಊರಿನ ಜಟ್ಟಿಯನ್ನು ಹಿಡಿದು, ಬಾಗಬೇಡವೆಂದು ಆಣೆ ಹಾಕಿಸಿ ಕರೆತಂದ. ಆನೆಗೂ ಅಂಜದ ಜಟ್ಟಿ ಅರಸನ ಕಿರೀಟ ಮಿನುಗಿದೊಡನೆ ತನಗರಿವಿಲ್ಲದೆ ನೆಲ ಮುಟ್ಟಿದ. ಪ್ರಭುಗಳು ತೆರೆಯ ಹಿಂದೆ ನಿಂತು ನೋಡಿದರೆ ಸಾಕು ಎಂದು ಕೇತಯ್ಯ ಬೇಡಿಕೊಂಡರೆ, ಬಚ್ಚಿಟ್ಟುಕೊಂಡು ನೋಡುವುದು ಕಳ್ಳರ ಕೆಲಸ, ಶಾಸ್ತ್ರಜ್ಞರದಲ್ಲ ಎಂದು ಅರಸ ತಳ್ಳಿಹಾಕಿದ.

ಹುಣ್ಣಿಮೆ ಬಂತು. ಕೇತಯ್ಯ ಒಬ್ಬನೇ ಸಭೆಗೆ ಬಂದು, ಎಲ್ಲರಿಗಿಂತ ಹೆಚ್ಚಾಗಿ ಬಾಗಿ, ಸೋತೆನೆಂದು ಒಪ್ಪಿಕೊಂಡ. ಪ್ರಭುಗಳನ್ನು ನೋಡಿ ತನಗೂ ಶಾಸ್ತ್ರದ ರುಚಿ ಹತ್ತಿದೆ, ಅರಸರ ಮೇಲೆ ಒಂದು ಸಣ್ಣ ಶಾಸ್ತ್ರ ಕಟ್ಟಿದ್ದೇನೆ, ಹೊರಡುವ ಮೊದಲು ಒಪ್ಪಿಸಲು ಅಪ್ಪಣೆಯಾಗಬೇಕು ಎಂದ. ಅರಸ ಹಿಗ್ಗಿ, ಹೇಳು ಎಂದ.

"ಅರಸ ಎಂಬುದು ಪಾದಗಳಿಂದ ಕೂಡಿದ ಜೀವಿ," ಎಂದು ಕೇತಯ್ಯ ಶುರುಮಾಡಿದ. "ಮೊಣಕಾಲಿನಿಂದ ಮೇಲಕ್ಕೆ ಅದಕ್ಕೆ ಏನೂ ಇಲ್ಲ. ಎಡಗಾಲಿನ ಕಿರುಬೆರಳ ಮೇಲೆ ಒಂದು ಆಣಿ ಇರುತ್ತದೆ. ಸಿಟ್ಟು ಬಂದರೆ ಹೆಬ್ಬೆರಳು ಕುಣಿಯುತ್ತದೆ. ದನಿ ಎಲ್ಲಿಂದ ಹೊರಡುತ್ತದೋ ಇನ್ನೂ ಗೊತ್ತಾಗಿಲ್ಲ. ಮೊಣಕಾಲಿನಿಂದಲೇ ಇರಬೇಕು."

ಅರಸನ ಹೆಬ್ಬೆರಳು ಆಗಲೇ ಕುಣಿಯತೊಡಗಿತ್ತು. "ನನಗೆ ಮುಖವಿಲ್ಲವೇನೋ?"

"ಇಷ್ಟು ವರ್ಷ ಕಣ್ಣಾರೆ ನೋಡಿದ್ದೇನೆ ಪ್ರಭು, ಕಂಡಿಲ್ಲ. ಬೇಕಾದರೆ ಪ್ರಧಾನಿಗಳನ್ನು ಕೇಳಬಹುದು."

ಅರಸ ಪ್ರಧಾನಿಯನ್ನು ಕೇಳಿದ. ಪ್ರಧಾನಿ ತೊದಲುತ್ತ ಪ್ರಭುಗಳ ಪಾದುಕೆಯ ಕುಸುರಿಯನ್ನು ಬಣ್ಣಿಸಿದ. ದಳವಾಯಿಯನ್ನು ಕೇಳಿದರೆ ಅವನಿಗೆ ಕಾಲ್ಗಡಗದಿಂದ ಮೇಲೆ ಏನೂ ಗೊತ್ತಿರಲಿಲ್ಲ. ತಲೆ ಎತ್ತಿ ನೋಡಬಾರದೇನು ಎಂದು ಅರಸ ಗದರಿದ.

"ಹೇಗೆ ಎತ್ತುವುದು ಪ್ರಭು? ನಮ್ಮದು ಬಾಗಿದ ಬೆನ್ನಿನ ಜಾತಿಯೆಂದು ತಮ್ಮ ಗ್ರಂಥದಲ್ಲೇ ಇದೆ," ಎಂದ ಕೇತಯ್ಯ.

ಅರಸ ಸಿಂಹಾಸನದಿಂದ ಎದ್ದೇಬಿಟ್ಟ. "ಎಲ್ಲರೂ ನೆಟ್ಟಗೆ ನಿಂತು ನನ್ನ ಮುಖ ನೋಡಿ. ಇದು ರಾಜಾಜ್ಞೆ!"

ಆಜ್ಞೆಯೆಂದ ಮೇಲೆ ಏನು ಮಾಡುವುದು? ಒಬ್ಬೊಬ್ಬರಾಗಿ, ಬೆನ್ನು ಹಿಡಿದುಕೊಂಡು, ಸಭೆಯವರೆಲ್ಲ ನೆಟ್ಟಗಾದರು. ದಳವಾಯಿ ಅರಸನಿಗಿಂತ ಒಂದು ಗೇಣು ಎತ್ತರವಿದ್ದ. ಪ್ರಧಾನಿಯ ಹಣೆಯ ಮೇಲೆ ನೇರಳೆ ಬಣ್ಣದ ಬುಗುಟಿತ್ತು. ಪುರೋಹಿತರ ಹಣೆಯ ಮೇಲೂ ಇತ್ತು, ಹಿಂದೆ ನಿಂತ ಕಾವಲುಗಾರರ ಹಣೆಯ ಮೇಲೂ ಇತ್ತು. ಅರಸ ಒಂದೊಂದೇ ಮುಖ ನೋಡುತ್ತ ಹೋದ.

"ಹಣೆಗೆ ಏನಾಗಿದೆ?" ಎಂದು ಕೊನೆಗೆ ಮೆಲ್ಲನೆ ಕೇಳಿದ.

"ಬಾಗಿಲು ಪ್ರಭು," ಎಂದ ಪ್ರಧಾನಿ.

ಬೊಪ್ಪರಸ ಕೂತುಕೊಂಡ. ಬಡಗಿಗಳನ್ನು ಕರೆಸಿ ಅಂದೇ ಬಾಗಿಲುಗಳನ್ನು ಎತ್ತರಿಸಲು ಹೇಳಿದ; ಕೇತಯ್ಯ ಎಲ್ಲಿಗೂ ಹೋಗಬೇಕಿಲ್ಲ ಎಂದ. ಆದರೂ ಅವನ ಮನಸ್ಸಿಗೆ ಒಂದು ಕೊರೆತ ಉಳಿಯಿತು. ಮೇಲೆ ಕೂತವನಿಗೆ ಬೆನ್ನು ಕಾಣುತ್ತದೆ, ಕೆಳಗೆ ನಿಂತವನಿಗೆ ಪಾದ ಕಾಣುತ್ತದೆ. ಇಬ್ಬರೂ ಕಣ್ಣಾರೆ ಕಂಡದ್ದನ್ನೇ ಬರೆದರು, ಇಬ್ಬರದೂ ತಪ್ಪಾಯಿತು. ಹಾಗಾದರೆ ಇದ್ದದ್ದನ್ನು ಇದ್ದ ಹಾಗೆ ತಿಳಿಯುವುದು ಯಾರಿಂದ ಎಂದು ಕೇಳಿದ.

"ಎಲ್ಲರನ್ನೂ ಕೇಳಬೇಕು ಪ್ರಭು. ಎಲ್ಲಿ ನಿಂತು ನೋಡಿದೆ ಅಂತಲೂ ಕೇಳಬೇಕು," ಎಂದ ಕೇತಯ್ಯ. "ಈಗ ತಮ್ಮ ಪಾದ ನನಗೆ ಗೊತ್ತು. ಮುಖ ಇವತ್ತು ಎಲ್ಲರೂ ಕಂಡರು. ಹೊಟ್ಟೆಯ ವಿಷಯ ಮಾತ್ರ ಅರಮನೆಯ ದರ್ಜಿಗೆ ಗೊತ್ತು."

"ಅವನನ್ನೂ ಕರೆಸೋಣ."

"ಕರೆಸಬಹುದು. ಆದರೆ ಅವನು ಹೆದರಿಕೆಗೆ ಯಾವಾಗಲೂ ಎರಡು ಗೇಣು ಕಡಿಮೆ ಹೇಳುತ್ತಾನೆ."

ಅರಸ ಬಗ್ಗಿ ತನ್ನ ಹೊಟ್ಟೆ ನೋಡಿಕೊಂಡ. ಆಮೇಲೆ ನಕ್ಕ ನಗುವಿಗೆ ನಡುಪಟ್ಟಿಯ ಕೊಂಡಿ ಕಿತ್ತು ಸಭೆಯ ನಡುವೆ ಬಿತ್ತು. ಅಪ್ಪಟ ಚಿನ್ನದ ಕೊಂಡಿ ಅದು. ಹುಟ್ಟುವ ಮಗುವಿಗೆ ಉಡುದಾರ ಮಾಡಿಸೆಂದು ಅದನ್ನು ಕೇತಯ್ಯನಿಗೇ ಕೊಟ್ಟ.