ಮುನ್ನುಡಿ ಮೇಷ್ಟ್ರು

ಶಿಷ್ಯ ಕೇಳಿದ: "ಗುರುಗಳೇ, ತಂತು ಸಿದ್ಧಾಂತ ಕಲಿಯಬೇಕೆಂದಿದ್ದೇನೆ. ಅದಕ್ಕೆ ಬೇಕಾದ ರೇಖಾಗಣಿತವೂ ಆಗಬೇಕು. ನಲವತ್ತಮೂರು ಪುಸ್ತಕಗಳ ಪಟ್ಟಿ ಮಾಡಿಕೊಂಡಿದ್ದೇನೆ. ಯಾವುದರಿಂದ ಶುರು ಮಾಡಲಿ?"

ಗುರುಗಳು ಪಟ್ಟಿಯನ್ನು ಕೈಗೆ ತೆಗೆದುಕೊಂಡು ಮೇಲಿನಿಂದ ಕೆಳಗೆ ನೋಡಿದರು. ಅಕ್ಷರ ಬಹಳ ದುಂಡಗಿತ್ತು. "ಕೂತುಕೋ, ಒಂದು ಕತೆ ಹೇಳುತ್ತೇನೆ," ಎಂದರು. ಶಿಷ್ಯ ಪೆನ್ನು ತೆಗೆದ. "ಇದನ್ನು ಬರೆದುಕೊಳ್ಳಬೇಡ ಮಾರಾಯ," ಎಂದು ಕತೆ ಶುರು ಮಾಡಿದರು.

ಒಂದು ಊರಿನ ಕಾಲೇಜಿನಲ್ಲಿ ಒಬ್ಬ ಮೇಷ್ಟ್ರಿದ್ದರು. ಈ ಜಗತ್ತು ಬುಡದಲ್ಲಿ ಕಣಗಳಿಂದ ಆದದ್ದಲ್ಲ, ಕಣ್ಣಿಗೆ ಕಾಣದಷ್ಟು ಸಣ್ಣ ತಂತುಗಳ ಮಿಡಿತದಿಂದ ಆದದ್ದು ಎಂಬ ಮಾತನ್ನು ಅವರು ಓದುವ ಕಾಲದಲ್ಲಿ ಎಲ್ಲೋ ಕೇಳಿದ್ದರು. ಆಗಿನಿಂದ ಅವರಿಗೆ ಒಂದೇ ಆಸೆ: ಆ ವಿದ್ಯೆಯನ್ನು ಕಲಿತು ಒಂದು ದಿನ ಕರಿಹಲಗೆಯ ಮುಂದೆ ನಿಂತು ಪಾಠ ಹೇಳಬೇಕು. ಆದರೆ ಇಪ್ಪತ್ತು ವರ್ಷ ಅವರು ಹೇಳಿದ್ದೆಲ್ಲ ಉಷ್ಣ ಮತ್ತು ಶಬ್ದದ ಪಾಠ.

ಕೊನೆಗೊಂದು ದಿನ ಪ್ರಿನ್ಸಿಪಾಲರು ಕರೆದು ಹೇಳಿದರು: "ಬರುವ ವರ್ಷದಿಂದ ತಂತು ಸಿದ್ಧಾಂತದ ತರಗತಿ ತೆರೆಯೋಣ ಅಂತಿದ್ದೇವೆ. ನೀವು ಒಂದು ವರ್ಷ ಓದಿಕೊಳ್ಳಿ. ಆಮೇಲೆ ಹೊರಗಿನಿಂದ ಒಬ್ಬರು ವಿದ್ವಾಂಸರು ಬಂದು ನೋಡ್ತಾರೆ. ಅವರು ಒಪ್ಪಿದರೆ ತರಗತಿ ನಿಮ್ಮದು, ಇಲ್ಲದಿದ್ದರೆ ಬೇರೆಯವರಿಗೆ ಹೋಗತ್ತೆ."

ಮೇಷ್ಟ್ರ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಅಂದೇ ಲೈಬ್ರರಿಗೆ ಹೋಗಿ ತಂತು ಸಿದ್ಧಾಂತದ ದಪ್ಪ ಪುಸ್ತಕವನ್ನು ಕೆಳಗಿಳಿಸಿದರು. ಅವರು ಬಹಳ ನಿಯಮದ ಮನುಷ್ಯ. ಪುಸ್ತಕವನ್ನು ಮುನ್ನುಡಿಯಿಂದಲೇ ಓದುತ್ತಿದ್ದರು, ಅದರಲ್ಲಿ ಹೇಳಿದ್ದನ್ನು ಅಕ್ಷರಶಃ ಪಾಲಿಸುತ್ತಿದ್ದರು. ಈ ಪುಸ್ತಕದ ಮುನ್ನುಡಿಯಲ್ಲಿ, 'ಓದುಗರಿಗೆ ಕ್ವಾಂಟಂ ಕ್ಷೇತ್ರ ಸಿದ್ಧಾಂತದ ಪರಿಚಯವಿದೆ ಎಂದು ಭಾವಿಸಿದ್ದೇವೆ' ಎಂದಿತ್ತು. ಮೇಷ್ಟ್ರು ಪುಸ್ತಕವನ್ನು ಮುಚ್ಚಿ ಕಣ್ಣಿಗೊತ್ತಿಕೊಂಡು ಜಾಗಕ್ಕೆ ಇಟ್ಟರು. ಬರೆದವರು ನಂಬಿ ಬರೆದಿದ್ದಾರೆ, ಪರಿಚಯವಿಲ್ಲದೆ ಒಳಗೆ ಹೋಗುವುದು ಮೋಸ ಎಂದು ಅವರಿಗೆ ಅನ್ನಿಸಿತು.

ಕ್ವಾಂಟಂ ಕ್ಷೇತ್ರ ಸಿದ್ಧಾಂತದ ಪುಸ್ತಕ ತೆಗೆದರು. ಅದರ ಮುನ್ನುಡಿ ಸಾಪೇಕ್ಷತೆಯನ್ನು ಕೇಳಿತು. ಸಾಪೇಕ್ಷತೆಯ ಪುಸ್ತಕ ಬಾಗಿದ ಮೇಲ್ಮೈಗಳ ರೇಖಾಗಣಿತ ಬೇಕೆಂದಿತು. ಆ ರೇಖಾಗಣಿತದ ಪುಸ್ತಕ, ಟೋಪಾಲಜಿ ಎಂಬ ಇನ್ನೊಂದು ಗಣಿತ ಓದಿ ಆಗಿದೆಯೇ ಎಂದಿತು. ಟೋಪಾಲಜಿಯ ಲೇಖಕರು ಇನ್ನೂ ಕಟ್ಟುನಿಟ್ಟು. ಗಣಗಳ, ಅಂದರೆ ಸೆಟ್‌ಗಳ ಬಗ್ಗೆ ಗೊತ್ತಿಲ್ಲದವರು ಈ ಪುಟವನ್ನು ತಿರುಗಿಸಬೇಡಿ ಎಂದೇ ಬರೆದುಬಿಟ್ಟಿದ್ದರು. ಮೇಷ್ಟ್ರು ತಿರುಗಿಸಲಿಲ್ಲ.

ಹೀಗೆ ಒಂದೊಂದೇ ಮೆಟ್ಟಿಲು ಇಳಿದು ಒಂಬತ್ತನೆಯ ತಿಂಗಳಿಗೆ ನಾಲ್ಕನೆಯ ತರಗತಿಯ ಗಣಿತದ ಪುಸ್ತಕ ಮುಟ್ಟಿದರು. ಅಬ್ಬ, ಬುಡ ಸಿಕ್ಕಿತು ಎಂದು ನಿಟ್ಟುಸಿರು ಬಿಟ್ಟು ಮೊದಲ ಪುಟ ತೆಗೆದರೆ ಅಲ್ಲಿ ಶಿಕ್ಷಕರಿಗೊಂದು ಸೂಚನೆ: 'ಬಿಂದು ಎಂದರೇನೆಂದು ಮಕ್ಕಳಿಗೆ ಹೇಳುವ ಮೊದಲು ಆಧುನಿಕ ಭೌತವಿಜ್ಞಾನ ಬಿಂದುವಿನ ಬಗ್ಗೆ ಏನೆನ್ನುತ್ತದೆಂದು ಶಿಕ್ಷಕರು ತಿಳಿದಿದ್ದರೆ ಒಳ್ಳೆಯದು.' ಆಧುನಿಕ ಭೌತವಿಜ್ಞಾನದಲ್ಲಿ ಬಿಂದುವೇ ಇಲ್ಲ, ಇರುವುದು ತಂತು ಎನ್ನುವ ಪುಸ್ತಕ ಯಾವುದೆಂದು ಮೇಷ್ಟ್ರಿಗೆ ಚೆನ್ನಾಗಿ ಗೊತ್ತಿತ್ತು. ಅದನ್ನು ಓದಬೇಕಾದರೆ ಮೊದಲು ಏನೇನು ಓದಿರಬೇಕೆಂಬುದೂ ಗೊತ್ತಿತ್ತು.

ಬೇರೆ ಯಾರಾದರೂ ಆಗಿದ್ದರೆ ತಲೆ ಚಚ್ಚಿಕೊಳ್ಳುತ್ತಿದ್ದರು. ಇವರು ಡ್ರಾಯಿಂಗ್ ಹಾಳೆ ತಂದು, ಯಾವ ಪುಸ್ತಕಕ್ಕೆ ಮೊದಲು ಯಾವ ಪುಸ್ತಕ ಎಂದು ಮೂರು ಬಣ್ಣದ ಮಸಿಯಲ್ಲಿ ನಕ್ಷೆ ಬರೆದರು. ಬಹಳ ಚೆಂದದ ನಕ್ಷೆ. ಅದನ್ನು ಲೈಬ್ರರಿಯ ಗೋಡೆಗೆ ಹಾಕಿದರು. ಬೇರೆ ಕಾಲೇಜುಗಳಿಂದ ಜನ ಬಂದು ನಕಲು ಮಾಡಿಕೊಂಡು ಹೋದರು. ತಂತು ಸಿದ್ಧಾಂತ ಅಂದರೆ ಈ ಮೇಷ್ಟ್ರೇ ಎಂದು ಸುತ್ತಮುತ್ತ ಹೆಸರಾಯಿತು.

ಅದೇ ಲೈಬ್ರರಿಯ ಹಿಂದಿನ ಜಗಲಿಯಲ್ಲಿ ಒಬ್ಬ ಹೆಂಗಸು ಹರಿದ ಪುಸ್ತಕಗಳನ್ನು ಹೊಲಿದು ರಟ್ಟು ಹಾಕುತ್ತಿದ್ದಳು. ಪಿಯುಸಿವರೆಗೆ ಓದಿದ್ದಳು. ಮೇಷ್ಟ್ರು ಕಣ್ಣಿಗೊತ್ತಿಕೊಂಡು ಇಟ್ಟಿದ್ದ ಆ ದಪ್ಪ ಪುಸ್ತಕಕ್ಕೆ ಗೆದ್ದಲು ಹಿಡಿದು ಅದು ಅವಳ ಕೈಗೆ ಬಂತು. ಗೆದ್ದಲು ಮುನ್ನುಡಿಯನ್ನು ಪೂರ್ತಿ ತಿಂದಿತ್ತು. ಉಳಿದ ಹಾಳೆಗಳು ಬಿಡಿಯಾಗಿ ಕಲೆಸಿಹೋಗಿದ್ದವು, ಪುಟಸಂಖ್ಯೆಯಿದ್ದ ಮೂಲೆಗಳೂ ಇರಲಿಲ್ಲ. ಹಾಳೆ ಜೋಡಿಸಬೇಕಾದರೆ ಈ ಪುಟದ ಕೊನೆಯ ಸಾಲು ಯಾವ ಪುಟದಲ್ಲಿ ಮುಂದುವರಿಯುತ್ತದೆ ಎಂದು ಓದಿಯೇ ನೋಡಬೇಕು. ಹೀಗೆ ಅವಳು ಇಡೀ ಪುಸ್ತಕವನ್ನು ನಾಲ್ಕು ಸಲ ಓದಿದಳು. ಮುಕ್ಕಾಲು ಪಾಲು ಅರ್ಥವಾಗಲಿಲ್ಲ. ಉಳಿದದ್ದು ಅವಳನ್ನು ಸುಮ್ಮನೆ ಕೂರಲು ಬಿಡಲಿಲ್ಲ.

ಒಂದು ದಿನ ಅವಳು ಮೇಷ್ಟ್ರನ್ನು ತಡೆದು ಕೇಳಿದಳು: "ಸಾರ್, ಜಗತ್ತಿಗೆ ಇನ್ನೂ ಆರು ದಿಕ್ಕು ಇದಾವಂತೆ, ಅವನ್ನ ಸಣ್ಣದಾಗಿ ಸುತ್ತಿ ಇಟ್ಟಿದೆಯಂತೆ. ನಾನು ಕೊಳವೆಗೆ ಕಾಗದ ಅಂಟಿಸಿದ್ರೆ ಒಂದು ಸುಕ್ಕೂ ಬೀಳಲ್ಲ. ಚೆಂಡಿಗೆ ಅಂಟಿಸಿದ್ರೆ ಬಿದ್ದೇ ಬೀಳತ್ತೆ. ಈ ಆರನ್ನ ಸುತ್ತಿದಾಗ ಸುಕ್ಕು ಏನಾಯ್ತು ಸಾರ್?"

"ಅದೆಲ್ಲ ಆಮೇಲಿನ ಮಾತಮ್ಮ," ಎಂದರು ಮೇಷ್ಟ್ರು. "ಮೊದಲು ಬಿಂದು ಅಂದರೇನು ಅಂತ ಗೊತ್ತಿರಬೇಕು."

"ನಿಮಗೆ ಗೊತ್ತಾ ಸಾರ್?"

"ಅದಕ್ಕೆ ತಂತು ಸಿದ್ಧಾಂತ ಓದಿರಬೇಕು."

ಅವಳು ತನ್ನ ಕೈಯಲ್ಲಿದ್ದ ಪುಸ್ತಕವನ್ನು ಒಮ್ಮೆ ನೋಡಿದಳು, ಮೇಷ್ಟ್ರ ಮುಖವನ್ನು ಒಮ್ಮೆ ನೋಡಿದಳು. ಮತ್ತೆ ಸೂಜಿಗೆ ದಾರ ಪೋಣಿಸಿದಳು.

ವರ್ಷ ತುಂಬಿತು. ವಿದ್ವಾಂಸರು ಬಂದರು. ಮೇಷ್ಟ್ರು ಅವರನ್ನು ನಕ್ಷೆಯ ಮುಂದೆ ನಿಲ್ಲಿಸಿ ಮೂರೂ ಬಣ್ಣಗಳನ್ನು ವಿವರಿಸಿದರು. ವಿದ್ವಾಂಸರು ಭಲೇ ಎಂದು ತಲೆದೂಗಿ, ಇವುಗಳಲ್ಲಿ ಓದಿ ಆದದ್ದು ಎಷ್ಟು ಎಂದು ಕೇಳಿದರು. ಮೇಷ್ಟ್ರು ಹೆಮ್ಮೆಯಿಂದಲೇ ಹೇಳಿದರು, ಮುನ್ನುಡಿಗಳೆಲ್ಲ ಬಾಯಿಪಾಠವಾಗಿವೆ ಎಂದು. ಎರಡು ಹೇಳಿಯೂ ತೋರಿಸಿದರು.

ವಿದ್ವಾಂಸರು ಗಾಳಿಗೆಂದು ಹಿಂದಿನ ಜಗಲಿಗೆ ಬಂದರು. ಅಲ್ಲಿ ಆ ಹೆಂಗಸು ಅವರನ್ನೂ ಅದೇ ಸುಕ್ಕಿನ ಪ್ರಶ್ನೆ ಕೇಳಿದಳು. ವಿದ್ವಾಂಸರು ಚಪ್ಪಲಿ ಬಿಟ್ಟು ನೆಲದ ಮೇಲೆಯೇ ಕೂತರು. ಕೆಲವು ಆಕಾರಗಳಲ್ಲಿ ಒಂದು ಕಡೆಯ ಬಾಗನ್ನು ಇನ್ನೊಂದು ಕಡೆಯ ಬಾಗು ಸರಿದೂಗಿಸುತ್ತದೆ ಎಂದು ತೋರಿಸಲು ಹೋಗಿ ಕಾಗದ ಕತ್ತರಿಸಿದರು, ಮಡಚಿದರು, ಅಂಗಿಗೆಲ್ಲ ಗೋಂದು ಮೆತ್ತಿಕೊಂಡರು. ಪೂರ್ತಿ ತೋರಿಸಲು ಅವರಿಂದಲೂ ಆಗಲಿಲ್ಲ. ಎರಡು ಬಸ್ಸು ತಪ್ಪಿಸಿಕೊಂಡರೂ ನಗುನಗುತ್ತಲೇ ಹೋದರು.

ತರಗತಿ ಬೇರೆ ಊರಿನವರೊಬ್ಬರಿಗೆ ಹೋಯಿತು. ಮೊದಲ ಬೆಂಚಿನಲ್ಲಿ ಆ ಹೆಂಗಸಿಗೂ ಜಾಗ ಕೊಟ್ಟರು. ಮೇಷ್ಟ್ರಿಗೆ ಲೈಬ್ರರಿಯ ಉಸ್ತುವಾರಿ ಸಿಕ್ಕಿತು. ಪಾಠ ನಡೆಯುವಾಗ ಅವರು ಕಿಟಕಿಯ ಹೊರಗೆ ನಿಂತು ಕೇಳಿಸಿಕೊಳ್ಳುತ್ತಿದ್ದರು. ಒಳಗೆ ಬನ್ನಿ ಎಂದು ಕರೆದರೆ, ಈ ತರಗತಿಗೆ ಬೇಕಾದ ಸಿದ್ಧತೆ ತನಗಿನ್ನೂ ಆಗಿಲ್ಲ ಎನ್ನುತ್ತಿದ್ದರು. ಹಾಗೆನ್ನುವಾಗ ಅವರ ಕಣ್ಣು ತುಂಬಿರುತ್ತಿತ್ತು. ಅವರನ್ನು ನೆನೆದರೆ ನನಗೆ ನಗುವೂ ಬರುತ್ತದೆ, ಸಂಕಟವೂ ಆಗುತ್ತದೆ.

ಗುರುಗಳು ಕತೆ ಮುಗಿಸಿ ನೀರು ಕುಡಿದರು. ಶಿಷ್ಯ ಮೆಲ್ಲಗೆ ಮತ್ತೆ ಪೆನ್ನು ತೆಗೆದ.

"ಗುರುಗಳೇ, ಆ ಹೆಂಗಸು ಹೊಲಿದ ಪುಸ್ತಕದ ಹೆಸರೇನು? ಪಟ್ಟಿಗೆ ಸೇರಿಸಿಕೊಳ್ಳುತ್ತೇನೆ."

"ಸೇರಿಸಿಕೋ," ಎಂದರು ಗುರುಗಳು, "ಅದಕ್ಕೆ ಮುಂಚೆ, ಈವರೆಗೆ ನೀನು ಓದಿ ಅರ್ಥವಾಗದೇ ಹೋದ ಒಂದು ಪುಟ ತೋರಿಸು."