ಗಾಳಿ ಸೂರಪ್ಪನ ಬೆಣ್ಣೆ ವ್ಯಾಪಾರ

ಹತ್ತಿರ ಬನ್ನಿ. ಇನ್ನೂ ಹತ್ತಿರ. ಬಾಗಿಲು ಮುಂದಕ್ಕೆ ಎಳೆದಿದ್ದೀರಾ? ಈಗ ಹೇಳುವ ಮಾತು ಈ ಜಗುಲಿ ದಾಟಬಾರದು. ದಾಟಿತೋ, ಯಾರ ಬಾಯಿಂದ ದಾಟಿತು ಅನ್ನೋದು ನನಗೆ ಸಂಜೆಯೊಳಗೆ ಗೊತ್ತಾಗುತ್ತದೆ. ಮೂಲೆಯಲ್ಲಿ ಕೂತವಳೇ, ನಿನ್ನ ಮೇಲೇ ನನಗೆ ಅನುಮಾನ. ಎಲ್ಲರೂ ತಲೆ ಮುಟ್ಟಿಕೊಂಡು ಆಣೆ ಇಡಿ. ಇಟ್ಟಿರಾ? ಸರಿ, ಕೇಳಿ.

ಹಾಲಗೇರಿ ಅಂತ ಒಂದು ರಾಜ್ಯ. ಅದಕ್ಕೊಬ್ಬ ರಾಜ. ಕೆಟ್ಟವನೇನಲ್ಲ, ಆದರೆ ಅರಮನೆ ಮೆಟ್ಟಿಲಿಳಿದರೆ ಪಾದಕ್ಕೆ ಧೂಳು ಮೆತ್ತುತ್ತದೆ ಅಂತ ಒಳಗೇ ಕೂರುವ ಪೈಕಿ. ನಾಡಿನಲ್ಲಿ ಯಾರು ಏನು ಉಣ್ಣುತ್ತಾರೆ, ಯಾವ ಪೇಟೆಯಲ್ಲಿ ಯಾವ ಮಾಲು ಏರಿತು, ಯಾವುದು ಇಳಿಯಿತು ಅಂತ ತಾನು ಹೋಗಿ ನೋಡಿದವನಲ್ಲ. ನೋಡುವುದಕ್ಕೇ ಒಬ್ಬನನ್ನು ಇಟ್ಟಿದ್ದ. ಅವನ ಹೆಸರು ಸೂರಪ್ಪ. ಪೇಟೆಯ ಗಾಳಿ ನೋಡುವುದು ಅವನ ಕೆಲಸ. ಅದಕ್ಕೇ ಜನ ಗಾಳಿ ಸೂರಪ್ಪ ಅಂತಿದ್ದರು.

ಅವನ ಠೀವಿ ನೀವು ನೋಡಬೇಕಿತ್ತು. ಸಂತೆ ನಡುವೆ ಗಾಡಿ ನಿಲ್ಲಿಸುತ್ತಿದ್ದ. ಡಂಗುರದವನು ಡಬಡಬ ಬಡಿಯುತ್ತಿದ್ದ. ಸೂರಪ್ಪ ಗಾಡಿಯ ಮೇಲೆ ಎದ್ದು ನಿಂತು, ರೇಷ್ಮೆ ಶಲ್ಯ ಸರಿಮಾಡಿಕೊಂಡು, ಒಂದು ಬೆರಳನ್ನು ಬಾಯಲ್ಲಿಟ್ಟು ಒದ್ದೆ ಮಾಡಿ ಮೇಲಕ್ಕೆತ್ತುತ್ತಿದ್ದ. ನಿಜವಾಗಿಯೂ ಗಾಳಿ ನೋಡುವವನ ಹಾಗೆ. ಆಮೇಲೆ ಬಾಯಿ ಬಿಡುತ್ತಿದ್ದ. ಜನ ಅದನ್ನೇ ವೇದ ಅಂದುಕೊಳ್ಳುತ್ತಿದ್ದರು. ಥೂ, ಆ ಬೆರಳನ್ನು ನೆನೆಸಿಕೊಂಡರೆ ಈಗಲೂ ನನಗೆ ಮೈ ಉರಿಯುತ್ತದೆ.

ಬಿಳಿಕಲ್ಲು ಅನ್ನೋ ಹಳ್ಳಿಗೆ ಬಂದ. ಬೆರಳೆತ್ತಿದ. "ಕೇಳ್ರಪ್ಪೋ, ನಾಡಿನ ಗಾಳಿ ತಿರುಗಿದೆ. ಹುಣಸೇಘಟ್ಟದಲ್ಲಿ ಬೆಣ್ಣೆ ಕೇಳೋರಿಲ್ಲ. ರಾಜಧಾನಿಯಲ್ಲಂತೂ ಮೂಸಿ ನೋಡೋರೂ ಇಲ್ಲ. ನಿಮ್ಮೂರೊಂದೇ ಇನ್ನೂ ಕಡಗೋಲು ಹಿಡ್ಕೊಂಡು ಕೂತಿದೆ."

ಹುಣಸೇಘಟ್ಟಕ್ಕೆ ಹೋದ. ಬೆರಳೆತ್ತಿದ. "ನಾಡಿನ ಗಾಳಿ ತಿರುಗಿದೆ. ಬಿಳಿಕಲ್ಲಲ್ಲಿ ಬೆಣ್ಣೆ ಕೇಳೋರಿಲ್ಲ. ರಾಜಧಾನಿಯಲ್ಲಿ ಮೂಸಿ ನೋಡೋರಿಲ್ಲ."

ರಾಜಧಾನಿಗೆ ಬಂದ. ಬೆರಳೆತ್ತಿದ. "ನಾಡಿನ ಗಾಳಿ ತಿರುಗಿದೆ. ಹಳ್ಳಿಯವರೇ ಬೆಣ್ಣೆ ಬಿಟ್ಟರು. ನೀವಿನ್ನೂ ಅದೇ ಹಳೇ ಚಾಳಿಯಲ್ಲಿದ್ದೀರಲ್ಲ. ಈಗ ಎಲ್ಲ ಕಡೆ ನವಬೆಣ್ಣೆ."

ಈ ನವಬೆಣ್ಣೆ ಏನು ಗೊತ್ತಾ? ಬೇಯಿಸಿದ ಗೆಣಸನ್ನು ಅರೆದು, ಕುಸುಬೆ ಎಣ್ಣೆ ಸುರಿದು, ಬಣ್ಣಕ್ಕೆ ಅರಿಶಿನ, ವಾಸನೆಗೆ ಒಂದು ಕುಡಿತೆ ಹುಳಿ ಮಜ್ಜಿಗೆ. ಅಷ್ಟೇ. ಅದನ್ನು ಬಾಳೆಲೆಯಲ್ಲಿ ಸುತ್ತಿ, ಮೇಲೆ ಹಸುವಿನ ಚಿತ್ರದ ಮುದ್ರೆ ಒತ್ತಿ, ಅಂಗಡಿ ಅಂಗಡಿಗೆ ಇಳಿಸುತ್ತಿದ್ದವನು ಯಾರು? ಇದೇ ಸೂರಪ್ಪ. ಹಸು ಆ ಪದಾರ್ಥದ ಹತ್ತಿರ ಸುಳಿದಿರಲಿಲ್ಲ. ನಾಡೇ ತಿನ್ನುತ್ತಿದೆ ಅಂದ ಮೇಲೆ ತಾನೊಬ್ಬ ಹಿಂದೆ ಬೀಳುವುದೇ ಅಂತ ರಾಜನೂ ರೊಟ್ಟಿಗೆ ಸವರಿಕೊಂಡು ತಿಂದ. ತಿಂದು ತೇಗಿದ. ಅದು ಎಂಥ ತೇಗು ಅಂತ ನಾನು ಹೇಳೋದಿಲ್ಲ.

ಹಳ್ಳಿಗಳಲ್ಲಿ ಬೆಣ್ಣೆ ಮಡಕೆ ತಲೆ ಮೇಲೆ ಹೋಗಿ ತಲೆ ಮೇಲೇ ವಾಪಸು ಬರತೊಡಗಿತು. ಆಗ ಸೂರಪ್ಪನ ಆಳುಗಳು ಬಂದು, "ಅಯ್ಯೋ ಪಾಪ, ಚೆಲ್ಲೋ ಬದಲು ನಮಗೆ ಕೊಡಿ" ಅಂತ ಹೇಳಿ ಕಸದ ಬೆಲೆಗೆ ಎತ್ತಿಕೊಂಡು ಹೋಗುತ್ತಿದ್ದರು. ಎಲ್ಲಿಗೆ? ಗಡಿಯಾಚೆ ಊರುಗಳಿಗೆ. ಅಲ್ಲಿ ಬಂಗಾರದ ಬೆಲೆಗೆ ಮಾರಾಟ. ಇನ್ನೊಂದು ವಿಷಯ, ಇದು ಮಾತ್ರ ಯಾರಿಗೂ ಹೇಳಬೇಡಿ. ಸೂರಪ್ಪನ ಮನೆಯೊಳಗೆ ನವಬೆಣ್ಣೆ ಬರುತ್ತಿರಲಿಲ್ಲ. ಅವನ ಹೆಂಡತಿ ರೊಟ್ಟಿಯ ಮೇಲೆ ಇಡುತ್ತಿದ್ದದ್ದು ಬಿಳಿಕಲ್ಲಿನ ಎಮ್ಮೆ ಬೆಣ್ಣೆ, ನಿಂಬೆಹಣ್ಣಿನ ಗಾತ್ರ. ಪಾತ್ರೆ ತೊಳೆಯುವವಳೇ ಕಣ್ಣಾರೆ ಕಂಡು ಹೇಳಿದ್ದು.

ಬಿಳಿಕಲ್ಲಿನಲ್ಲಿ ತಿಪ್ಪಮ್ಮ ಅಂತ ಒಬ್ಬ ಬೆಣ್ಣೆ ಮಾರುವವಳು. ಗಂಡ ಇಲ್ಲ, ಮಕ್ಕಳಿಲ್ಲ, ಇದ್ದದ್ದು ಒಂದು ಎಮ್ಮೆ. ಬೆಣ್ಣೆ ಹೋದರೆ ಎಮ್ಮೆಗೆ ಹಿಂಡಿ, ಎಮ್ಮೆ ತಿಂದರೆ ಇವಳಿಗೆ ಅನ್ನ. ಈಗ ಬೆಣ್ಣೆ ಹೋಗುತ್ತಿಲ್ಲ. ಎಮ್ಮೆಯ ಪಕ್ಕೆಲುಬು ಕಾಣತೊಡಗಿತು. ಊರಲ್ಲಿ ಒಬ್ಬೊಬ್ಬರೇ ಎಮ್ಮೆಯನ್ನು ದಲ್ಲಾಳಿಗಳಿಗೆ ಕೊಟ್ಟು ಕೈ ತೊಳೆದುಕೊಳ್ಳುತ್ತಿದ್ದರು. ಇವಳ ಮನೆಗೂ ದಲ್ಲಾಳಿ ಬಂದ. ಎಮ್ಮೆಯ ಬೆನ್ನು ತಟ್ಟಿದ. "ಅಮಾವಾಸ್ಯೆ ಕಳೀಲಿ, ಬಂದು ಹೊಡ್ಕೊಂಡು ಹೋಗ್ತೀನಿ" ಅಂದ.

ತಿಪ್ಪಮ್ಮ ಒಂದು ರಾತ್ರಿಯೆಲ್ಲ ಮಗ್ಗುಲು ಬದಲಿಸಿದಳು. ಬೆಳಗಾಗುವಷ್ಟರಲ್ಲಿ ಬೆಣ್ಣೆ ಮಡಕೆ ಹೊತ್ತು ಹೊರಟಳು. ಹುಣಸೇಘಟ್ಟದವರು ಬೆಣ್ಣೆ ಬಿಟ್ಟರಂತಲ್ಲ, ಅದು ಹೇಗೆ ಬಿಟ್ಟರು ನೋಡೇ ಬಿಡೋಣ ಅಂತ.

ಹುಣಸೇಘಟ್ಟದ ಸಂತೆಯಲ್ಲಿ ಮಾಳವ್ವ ಅನ್ನೋ ಹೆಂಗಸು ಮಡಕೆ ಮುಂದಿಟ್ಟುಕೊಂಡು ನೊಣ ಓಡಿಸುತ್ತಿದ್ದಳು.

"ಏನವ್ವ, ನಿಮ್ಮೂರಲ್ಲಿ ಬೆಣ್ಣೆ ತಿನ್ನೋದು ಬಿಟ್ಟರಂತೆ?" ತಿಪ್ಪಮ್ಮ ಕೇಳಿದಳು.

"ನಾವೆಲ್ಲಿ ಬಿಟ್ಟೆವು ತಾಯಿ? ಬಿಳಿಕಲ್ಲಿನವರು ಬಿಟ್ಟರಂತೆ. ನಾವೂ ಬಿಡಬೇಕೇನೋ ಅಂತ ಕೂತಿದ್ದೀವಿ."

"ನಾನೇ ಬಿಳಿಕಲ್ಲಿನವಳು."

ಮಾಳವ್ವ ಅವಳ ಮುಖ ನೋಡಿದಳು, ಮಡಕೆ ನೋಡಿದಳು. ತಿಪ್ಪಮ್ಮ ರೂಢಿಯಂತೆ ಒಂದು ಚೂರು ಬೆಣ್ಣೆ ತೆಗೆದು ಅವಳ ಮುಂಗೈ ಮೇಲೆ ಇಟ್ಟಳು. ಮಾಳವ್ವ ನೆಕ್ಕಿ ನೋಡಿ, "ಇದನ್ನು ಬಿಟ್ಟವರು ಏನು ತಿಂದು ಬದುಕ್ತಾರೆ?" ಅಂದಳು.

ಇಬ್ಬರೂ ಸೇರಿ ರಾಜಧಾನಿಗೆ ನಡೆದರು. ಅಲ್ಲಿ ರೊಟ್ಟಿ ಅಂಗಡಿಯವಳು ನವಬೆಣ್ಣೆ ಸವರುತ್ತಿದ್ದಳು. ಯಾಕಮ್ಮ ಬೆಣ್ಣೆ ಇಲ್ಲವಾ ಅಂದರೆ, "ಹಳ್ಳಿಯೋರು ಕಡೆಯೋದೇ ಬಿಟ್ಟರಂತೆ. ಹೊಟ್ಟೆ ತುಂಬಿದ ಸೊಕ್ಕು" ಅಂತ ಇವರಿಗೇ ಬೈದಳು.

ಮೂರು ಊರು. ಮೂರರಲ್ಲೂ ಬೇರೆಯವರು ಬಿಟ್ಟರು ಅನ್ನೋ ಮಾತು. ಬಿಟ್ಟವರು ಒಬ್ಬರೂ ಇಲ್ಲ. ಇಂಥ ಮೋಸ ಕೇಳಿದ್ದೀರಾ? ಮನೆಗೆ ಕನ್ನ ಹಾಕುವ ಕಳ್ಳನಾದರೂ ಕತ್ತಲಲ್ಲಿ ಬರುತ್ತಾನೆ. ಇವನು ಡಂಗುರ ಹಾಕಿಸಿಕೊಂಡು ಬಂದ.

"ನಡಿ, ರಾಜನಿಗೆ ಹೇಳೋಣ" ಅಂದಳು ಮಾಳವ್ವ.

"ಅರಮನೆ ಬಾಗಿಲಲ್ಲಿ ಯಾರನ್ನು ಕೇಳ್ತಾರೆ? ಸೂರಪ್ಪನನ್ನೇ" ಅಂದಳು ತಿಪ್ಪಮ್ಮ. "ಅವನು ಇನ್ನೊಂದು ಸಲ ಬೆರಳೆತ್ತುತ್ತಾನೆ, ನಾವು ಹುಚ್ಚಿಯರಾಗ್ತೀವಿ. ಒಂದು ದಾರಿ ಹೊಳೆಯೋವರೆಗೂ ಯಾರ ಹತ್ತಿರವೂ ತುಟಿ ಬಿಚ್ಚಬಾರದು."

ಹಾಗಂತ ಮಾತಾಡಿಕೊಂಡು ಊರಿಗೆ ಮರಳಿದರು. ಮಾರನೆಯ ದಿನ ತಿಪ್ಪಮ್ಮ ಅಂಗಳಕ್ಕೆ ನೀರು ಚಿಮುಕಿಸುತ್ತಿದ್ದಾಳೆ, ಪಕ್ಕದ ಮನೆ ಕೊಟ್ರಮ್ಮ ತನ್ನ ಎಮ್ಮೆ ಹೊಡೆದುಕೊಂಡು ದಲ್ಲಾಳಿಯ ಹಿಂದೆ ಹೊರಟಿದ್ದಾಳೆ. ಕೊಟ್ರಮ್ಮ ಅಂದರೆ ಊರಿನ ಸುದ್ದಿಯೆಲ್ಲ ಅವಳ ನಾಲಿಗೆ ಮೇಲೇ. ಒಂದು ಮನೆಯಲ್ಲಿ ಸೀನಿದರೆ ಇನ್ನೊಂದು ಬೀದಿಯಲ್ಲಿ ಕಷಾಯ ಕಾಯಿಸುವ ಹಾಗೆ ಮಾಡುವವಳು.

"ಹೋಗ್ತಾ ಇದ್ದೀನಿ ತಿಪ್ಪಕ್ಕ. ಬೆಣ್ಣೆ ಕಾಲ ಮುಗೀತಂತೆ, ಇನ್ನಿದನ್ನ ಕಟ್ಕೊಂಡು ಏನು ಮಾಡ್ಲಿ?" ಅಂದಳು. ಎಮ್ಮೆ ಮನೆ ಕಡೆಗೇ ತಿರುಗಿ ತಿರುಗಿ ನೋಡುತ್ತಿತ್ತು.

ತಿಪ್ಪಮ್ಮನ ನಾಲಿಗೆ ತುದಿಗೆ ಮಾತು ಬಂತು. ಹೇಳಿದರೆ ಸಂಜೆಗೆ ಸೂರಪ್ಪನ ಕಿವಿಗೆ ಬೀಳುತ್ತದೆ. ನುಂಗಿದಳು. ಎಮ್ಮೆ ಹೋಯಿತು.

ಅವತ್ತೇ ತಿಪ್ಪಮ್ಮ ಬೆಟ್ಟದ ಮೇಲಿನ ಹನುಮಪ್ಪನ ಗುಡಿಗೆ ಹೋಗಿ ಕೈ ಮುಗಿದಳು. "ನನ್ನ ಎಮ್ಮೆ ಕೊಟ್ಟಿಗೆಯಲ್ಲಿ ಉಳಿಸಪ್ಪ, ನಿನ್ನ ಮೈ ತುಂಬ ಬೆಣ್ಣೆ ಅಲಂಕಾರ ಮಾಡಿಸ್ತೀನಿ" ಅಂತ ಹರಕೆ ಹೊತ್ತಳು. ಹೊತ್ತ ಕೂಡಲೇ ದಾರಿ ಹೊಳೆಯಿತು.

ನೆಟ್ಟಗೆ ಕೊಟ್ರಮ್ಮನ ಮನೆಗೆ ಹೋದಳು. "ಹನುಮಪ್ಪನಿಗೆ ಬೆಣ್ಣೆ ಅಲಂಕಾರದ ಹರಕೆ ಆಗಿದೆ ಕಣೆ. ಯಾರಿಗೂ ಹೇಳ್ಬೇಡ." ಅಷ್ಟೇ ಅಂದಳು. ಸುಳ್ಳು ಒಂದಕ್ಷರ ಇರಲಿಲ್ಲ.

ಬಾವಿಕಟ್ಟೆ ಹತ್ತಿರ ಅದು ತಿಪ್ಪಮ್ಮನ ಹರಕೆ. ಹುಣಸೇಘಟ್ಟದ ಸಂತೆ ಮುಟ್ಟಿದಾಗ ಊರೊಟ್ಟಿನ ಹರಕೆ. ಮಾಳವ್ವ ಅಲ್ಲಿ ಸುಮ್ಮನೆ ತಲೆಯಾಡಿಸಿದಳು. ರಾಜಧಾನಿ ಸೇರುವಷ್ಟರಲ್ಲಿ ರಾಜಮಾತೆಯ ಹರಕೆ. ಬೆಟ್ಟದ ಹನುಮಪ್ಪ ಎರಡಾಳೆತ್ತರ. ಅವನ ಮೈಗೆ, ಬಾಲಕ್ಕೆ, ಗದೆಗೆ ಮೆತ್ತಬೇಕಾದರೆ ನಾಡಿನ ಬೆಣ್ಣೆಯೆಲ್ಲ ಬೇಕು ಅಂತ ಜನರ ಲೆಕ್ಕ.

ಸೂರಪ್ಪನ ಕಿವಿ ನೆಟ್ಟಗಾಯಿತು. ಅರಮನೆಗೆ ಹೋಗಿ ನಿಜವಾ ಅಂತ ಕೇಳಿದನಾ? ಇಲ್ಲ. ಗುಡಿಯ ಪೂಜಾರಿಯನ್ನು ಕೇಳಿದನಾ? ಅದೂ ಇಲ್ಲ. ಒಬ್ಬರು ಹೇಳಿದರಂತೆ, ಇನ್ನೊಬ್ಬರು ಅಂದರಂತೆ ಅನ್ನೋದರ ಮೇಲೇ ಬದುಕಿದವನಿಗೆ ಬಾಯಿಬಿಟ್ಟು ಕೇಳುವ ಅಭ್ಯಾಸವೇ ತಪ್ಪಿಹೋಗಿತ್ತು. ಗಡಿಯಾಚೆ ಹೊರಟಿದ್ದ ಗಾಡಿಗಳನ್ನು ತಿರುಗಿಸಿದ. ಹಳ್ಳಿಗಳಿಗೆ ಆಳು ಅಟ್ಟಿದ. "ಇದ್ದಬದ್ದ ಬೆಣ್ಣೆ ತನ್ನಿ, ಕೇಳಿದಷ್ಟು ಕೊಡಿ" ಅಂದ. ತಿಪ್ಪಮ್ಮನೂ ಮಾರಿದಳು, ಬಾಯಿಗೆ ಬಂದ ಬೆಲೆ ಹೇಳಿ ಮಾರಿದಳು. ಆ ಸಂಜೆಯೇ ಎಮ್ಮೆಗೆ ಬಾನಿ ತುಂಬ ಹಿಂಡಿ ಕಲಸಿಟ್ಟಳು. ಅಮಾವಾಸ್ಯೆ ಕಳೆದು ದಲ್ಲಾಳಿ ಬಂದ, ಹಗ್ಗ ಬೀಸಿಕೊಂಡು ಹಾಗೇ ಹಿಂತಿರುಗಿದ.

ಶಿವರಾತ್ರಿ ಕಳೆಯಿತು. ಬಿಸಿಲು ಏರಿತು. ಸೂರಪ್ಪನ ಉಗ್ರಾಣದಲ್ಲಿ ಬೆಣ್ಣೆ ಬೆವರತೊಡಗಿತು. ಕಾವಲುಗಾರ ಬಂದು, "ಬುದ್ಧಿ, ಕಾಯಿಸಿ ತುಪ್ಪ ಮಾಡಿಬಿಡೋಣ" ಅಂದ.

"ದೇವರಿಗೆ ತುಪ್ಪ ಮೆತ್ತೋಕಾಗ್ತದೇನೋ ಪೆದ್ದ? ಇನ್ನಷ್ಟು ದಿನ ಕಾಯಿ" ಅಂದ ಸೂರಪ್ಪ.

ಮತ್ತಷ್ಟು ದಿನ ಹೋಯಿತು. "ಬುದ್ಧಿ, ಹುಳಿ ವಾಸನೆ ಬರ್ತಾ ಇದೆ."

"ಬೆಲೆ ಇನ್ನೂ ಏರ್ತದೆ. ಕಾಯಿ."

ಮೂರನೆಯ ಸಲ ಕಾವಲುಗಾರ ಮೂಗಿಗೆ ಬಟ್ಟೆ ಕಟ್ಟಿಕೊಂಡು ಬಂದ. "ಬುದ್ಧಿ, ಬೆಕ್ಕೂ ಓಡಿಹೋಯ್ತು."

ಸೂರಪ್ಪ ಆಗ ಗಾಬರಿಬಿದ್ದು ಗಾಡಿಗಳ ಮೇಲೆ ಮಡಕೆ ಹೇರಿಸಿ ಅರಮನೆ ಮುಂದೆ ನಿಲ್ಲಿಸಿದ. ಆ ಗಾಡಿಗಳ ಹಿಂದೆ ಯಾರು ಬಂದರು ಅಂತೀರಿ? ತಿಪ್ಪಮ್ಮ, ಮಾಳವ್ವ, ರೊಟ್ಟಿ ಅಂಗಡಿಯವಳು, ಮೂರೂ ಊರಿನ ಹೆಂಗಸರು, ಸೊಂಟಕ್ಕೆ ಸೆರಗು ಸಿಕ್ಕಿಸಿಕೊಂಡು.

"ಮಹಾಸ್ವಾಮಿ, ರಾಜಮಾತೆಯವರ ಅಲಂಕಾರಕ್ಕೆ ಬೆಣ್ಣೆ ಸಿದ್ಧ" ಅಂದ ಸೂರಪ್ಪ.

ರಾಜ ಉಪ್ಪರಿಗೆಯಿಂದ ಬಗ್ಗಿ ನೋಡಿದ. "ಯಾವ ಅಲಂಕಾರ?"

"ಬೆಟ್ಟದ ಹನುಮಪ್ಪನಿಗೆ, ಬೆಣ್ಣೆ ಅಲಂಕಾರ."

ಒಳಗಿಂದ ರಾಜಮಾತೆಯೇ ಬಂದಳು. ಮುದುಕಿ, ಆದರೆ ಮಾತು ಖಡಕ್ಕು. "ಈ ಬಿಸಿಲಲ್ಲಿ ದೇವರಿಗೆ ಬೆಣ್ಣೆ ಮೆತ್ತುತ್ತಾರೇನಯ್ಯ? ಹಚ್ಚಿದ್ದು ಹಚ್ಚಿದ ಹಾಗೇ ಜಾರಿ ಪಾದಕ್ಕಿಳಿಯುತ್ತದೆ. ಅದು ಚಳಿಗಾಲದ ಸೇವೆ. ಅಡುಗೆಮನೆಯ ಕೂಸಿಗೂ ಗೊತ್ತು. ಬೆಣ್ಣೆಯ ಗಾಳಿ ನೋಡುವವನು ಬೆಣ್ಣೆ ಕರಗೋದನ್ನೇ ನೋಡಿಲ್ಲವಾ?"

ಆಳು ಮಡಕೆಯ ಮುಚ್ಚಳ ತೆಗೆದ. ಕಮಟು ನಾತ ಉಪ್ಪರಿಗೆಗೆ ಏರಿತು. ರಾಜ ಮೂಗು ಹಿಡಿದುಕೊಂಡ.

"ಬೆಣ್ಣೆ ಯಾರಿಗೂ ಬೇಡ ಅಂದಿದ್ದೆಯಲ್ಲ" ಅಂದ ರಾಜ. "ಬೇಡದ್ದನ್ನು ಇಷ್ಟು ಯಾಕೆ ಕೂಡಿಟ್ಟೆ?"

ಸೂರಪ್ಪನ ಬೆರಳು ಏಳಲಿಲ್ಲ.

ತಿಪ್ಪಮ್ಮ ಮುಂದೆ ಬಂದಳು. "ಬುದ್ಧಿ, ನಾವು ಬಿಳಿಕಲ್ಲಿನವರು. ಬೆಣ್ಣೆ ಬಿಟ್ಟಿಲ್ಲ." ಮಾಳವ್ವ ಬಂದಳು. "ನಾವು ಹುಣಸೇಘಟ್ಟದವರು. ಬಿಟ್ಟಿಲ್ಲ." ರೊಟ್ಟಿ ಅಂಗಡಿಯವಳು ಬಂದಳು. "ನಾವು ಇಲ್ಲಿಯವರೇ. ಸಿಕ್ಕಿದರೆ ಇವತ್ತೇ ತಿಂತೀವಿ."

ರಾಜ ತನ್ನ ತಟ್ಟೆಯ ನವಬೆಣ್ಣೆಯನ್ನು ನೆನೆಸಿಕೊಂಡನೋ ಏನೋ, ಮುಖ ಕೆಂಪಗಾಯಿತು. ಆಗಬೇಕಾದ್ದೇ. ಒಂದು ಸಲ ಮೆಟ್ಟಿಲಿಳಿದು ಒಂದು ಸಂತೆ ಸುತ್ತಿದ್ದರೆ ಇದೆಲ್ಲ ಆಗುತ್ತಿತ್ತೇ? ಸೂರಪ್ಪನ ಶಲ್ಯ ಕಿತ್ತುಕೊಂಡರು. ಕೊಳೆತ ಬೆಣ್ಣೆಯೆಲ್ಲ ನಾಡಿನ ಗಾಡಿಗಳಿಗೆ ಕೀಲೆಣ್ಣೆಯಾಯಿತು. ಬಳಿಯುವ ಕೆಲಸ ಅವನಿಗೇ. ಊಟಕ್ಕೆ ದಿನವೂ ನವಬೆಣ್ಣೆ. ಸಂತೆ ಸಂತೆಯಲ್ಲಿ ನಿಂತು, "ನಾನು ಹೇಳಿದ್ದೆಲ್ಲ ಸುಳ್ಳು" ಅಂತ ತಾನೇ ಡಂಗುರ ಬಡಿಯಬೇಕು. ದಲ್ಲಾಳಿಗಳ ಕೊಟ್ಟಿಗೆಯಲ್ಲಿದ್ದ ಎಮ್ಮೆಗಳನ್ನು ಒಡತಿಯರಿಗೆ ವಾಪಸು ಕೊಡಿಸಿದರು.

ಮಕ್ಕಳೇ, ನೀತಿ ಇಷ್ಟೇ. ಎಲ್ಲರೂ ಹೀಗೇ ಮಾಡುತ್ತಿದ್ದಾರೆ ಅಂತ ಒಬ್ಬ ಬಂದು ಹೇಳಿದರೆ, ಆ ಎಲ್ಲರಲ್ಲಿ ನಾಲ್ಕು ಜನರನ್ನಾದರೂ ನೀವೇ ಹೋಗಿ ಕೇಳಿ. ಊರಿನಿಂದ ಊರನ್ನು ಸುಳ್ಳು ಹೇಳಿ ಬೇರೆ ಮಾಡಿ ಹೊಟ್ಟೆ ಬೆಳೆಸುವವನು ಒಂದು ದಿನ ಅಂಥದ್ದೇ ಮಾತಿಗೆ ತಾನೂ ಬೀಳುತ್ತಾನೆ.

ಚಳಿ ಬಿತ್ತು. ತಿಪ್ಪಮ್ಮ ಹರಕೆ ತೀರಿಸಿದಳು. ಹನುಮಪ್ಪ ಬೆಳ್ಳಗೆ ನಿಂತ. ಎಮ್ಮೆ ಮರಳಿ ಬಂದವರೆಲ್ಲ ನಗುತ್ತಾ ಬೆಟ್ಟ ಹತ್ತಿದರು. ಕೊಟ್ರಮ್ಮ ಬರಲಿಲ್ಲ. ಅವಳ ಎಮ್ಮೆ ಗಡಿ ದಾಟಿಹೋಗಿತ್ತು, ಎಷ್ಟು ಹುಡುಕಿಸಿದರೂ ಸಿಗಲಿಲ್ಲ. ಸಂಜೆ ತಿಪ್ಪಮ್ಮ ಪ್ರಸಾದದ ಬೆಣ್ಣೆ ಮುದ್ದೆ ತೆಗೆದುಕೊಂಡು ಅವಳ ಮನೆಗೆ ಹೋದಳು. ಅಷ್ಟರಲ್ಲಿ, ಸೂರಪ್ಪನ ಸುಳ್ಳು ತಿಪ್ಪಮ್ಮನಿಗೆ ಮೊದಲೇ ಗೊತ್ತಿತ್ತು ಅನ್ನೋದು ಮಾಳವ್ವನ ಬಾಯಿಂದ ಊರಿಗೇ ತಿಳಿದಿತ್ತು. ಕೊಟ್ರಮ್ಮ ಬೆಣ್ಣೆ ಮುಟ್ಟಲಿಲ್ಲ. ಹೊಸಿಲಲ್ಲೇ ನಿಂತು ಮುಖಕ್ಕೆ ಮುಖ ಕೊಟ್ಟು ಹೇಳಿದಳು:

"ಸೂರಪ್ಪ ಎಲ್ಲಿಯವನೋ, ಸುಳ್ಳು ಹೇಳಿದ, ಶಾಪ ಹಾಕಿ ಸುಮ್ಮನಾದೆ. ನೀನು ಗೋಡೆ ಆಚೆಯವಳು ತಿಪ್ಪಕ್ಕ. ದಿನಾ ಬೆಳಿಗ್ಗೆ ಪೊರಕೆ ಹಿಡ್ಕೊಂಡು ಕೊಟ್ಟಿಗೆಗೆ ಹೋಗ್ತೀನಿ, ಗುಡಿಸೋಕೆ ಸಗಣಿ ಇರಲ್ಲ. ಆಗ ಬೈಯೋಕೆ ಬಾಯಿ ತೆಗೆದರೆ ಅವನ ಹೆಸರು ಬರಲ್ಲ ಕಣಕ್ಕ, ನಿನ್ನ ಹೆಸರೇ ಬರ್ತದೆ."